ಉತ್ತರದ ಪುಟ ತಿರುಗಿಸುವ ಮುಂಚೆ: ಚೆಸ್ ಪುಸ್ತಕ ಓದುವವರಿಗೆ ಟಿಪ್ಪಣಿ

ಮುಂಬೈ ಹತ್ತಿರದ ಡೊಂಬಿವಲಿಯ ನಮ್ಮ ಭಾನುವಾರದ ಚೆಸ್ ಗುಂಪಿಗೆ ಬರುವ ಹೊಸಬರು ಮೊದಲು ಕೇಳುವುದು ಒಂದೇ ಪ್ರಶ್ನೆ: ಯಾವ ಪುಸ್ತಕ ತಗೊಳ್ಳಲಿ? 2025ರ ನವೆಂಬರ್‌ನಲ್ಲಿ ಗೋವಾದಲ್ಲಿ ಚೆಸ್ ವಿಶ್ವಕಪ್ ನಡೆದ ಮೇಲಂತೂ ಈ ಪ್ರಶ್ನೆ ಜಾಸ್ತಿಯಾಗಿದೆ. ಪುಸ್ತಕಗಳ ಹೆಸರು ಕೆಳಗೆ ಹೇಳುತ್ತೇನೆ. ಅದಕ್ಕೂ ಮೊದಲು ಹೇಳಬೇಕಾದದ್ದು ಬೇರೆ ಇದೆ. ಎರಡು ವರ್ಷ ನಾನು ಒಳ್ಳೊಳ್ಳೆ ಪುಸ್ತಕಗಳನ್ನೇ ತಪ್ಪಾಗಿ ಓದಿದೆ. ಬೋರ್ಡಿನ ಚಿತ್ರ ನೋಡುವುದು, ಮೊದಲ ನಡೆ ಊಹಿಸುವುದು, ಕೊನೆಯಲ್ಲಿರುವ ಉತ್ತರದ ಪುಟ ತಿರುಗಿಸಿ ನೋಡುವುದು, "ಹಾಂ, ಇದೇ ಅಲ್ವಾ" ಎಂದು ಮುಂದಿನ ಚಿತ್ರಕ್ಕೆ ಹೋಗುವುದು. ನೂರಾರು ಸಮಸ್ಯೆ ಮುಗಿಸಿದೆ. ಆಟ ಮಾತ್ರ ಇದ್ದಲ್ಲೇ ಇತ್ತು.

ತಪ್ಪು ತೋರಿಸಿಕೊಟ್ಟವರು ಮಾತುಂಗದಲ್ಲಿ ಹೋಟೆಲ್ ನಡೆಸುವ ನಮ್ಮ ಊರಿನ ಅಣ್ಣ. ಸಂಜೆ ಗಿರಾಕಿ ಕಡಿಮೆ ಇರುವ ಹೊತ್ತಿಗೆ ಗಲ್ಲಾದ ಪಕ್ಕ ಸಣ್ಣ ಬೋರ್ಡ್ ಇಟ್ಟುಕೊಂಡು ಕೂರುತ್ತಾರೆ. ನಾನು ಒಂದು ಸಮಸ್ಯೆಗೆ ಉತ್ತರ ಹೇಳಿದಾಗ ಅವರು ಕೇಳಿದ್ದು ಇಷ್ಟೇ: "ಅದು ಸರಿ ಮಾರಾಯ, ಕಪ್ಪಿನವ ಏನು ಆಡ್ತಾನೆ ಹೇಳು." ನನ್ನ ಹತ್ತಿರ ಉತ್ತರ ಇರಲಿಲ್ಲ. ಆಮೇಲೆ ಅವರು ಒಂದು ಸ್ಥಿತಿ ಜೋಡಿಸಿದರು. ನೀವೂ ಬೋರ್ಡ್ ತೆಗೆದು ಜೋಡಿಸಿ. ಬಿಳಿಯ ಎಡಗೈಯಿಂದ ಉದ್ದ ಸಾಲುಗಳು ಎ, ಬಿ, ಸಿ ಎಂದು ಹೆಚ್ ತನಕ; ಬಿಳಿಯ ಕಡೆಯಿಂದ ಅಡ್ಡ ಸಾಲುಗಳು 1ರಿಂದ 8.

ಬಿಳಿ ರಾಜ ಬಿ6, ಬಿಳಿ ಪ್ಯಾದೆ ಸಿ6. ಕಪ್ಪು ರಾಜ ಎ1, ಕಪ್ಪು ಆನೆ ಡಿ5. ಬಿಳಿಯ ಸರದಿ, ಬಿಳಿ ಗೆಲ್ಲಬೇಕು. ಬೋರ್ಡ್ ಮೇಲೆ ಇರುವುದು ನಾಲ್ಕೇ ಕಾಯಿ.

ಮೊದಲು ಪ್ಯಾದೆ ಸಿ7. ಇನ್ನೊಂದು ನಡೆಗೆ ರಾಣಿ ಆಗುತ್ತದೆ, ಹಾಗಾಗಿ ಕಪ್ಪು ಆನೆ ಡಿ6ಕ್ಕೆ ಬಂದು ಚೆಕ್ ಕೊಡುತ್ತದೆ. ಈಗ ರಾಜ ಎಲ್ಲಿಗೆ? ಸಿ5ಕ್ಕೆ ಬಂದರೆ ಆನೆ ಡಿ1ಕ್ಕೆ ಓಡುತ್ತದೆ; ಪ್ಯಾದೆ ರಾಣಿ ಆದ ಕೂಡಲೇ ಸಿ1ರಿಂದ ಚೆಕ್, ರಾಜ ಸರಿದರೆ ಹಿಂದಿರುವ ರಾಣಿ ಹೋಯಿತು. ಬಿ7ಕ್ಕೆ ಹೋದರೆ ಆನೆ ಡಿ7ರಲ್ಲಿ ನಿಂತು ಪ್ಯಾದೆಯನ್ನು ಕಟ್ಟಿಹಾಕುತ್ತದೆ. ಹಾಗಾಗಿ ಬಿ5 ಒಂದೇ ದಾರಿ. ಡಿ5ರಿಂದ ಚೆಕ್, ರಾಜ ಬಿ4. ಡಿ4ರಿಂದ ಚೆಕ್, ರಾಜ ಬಿ3. ಡಿ3ರಿಂದ ಚೆಕ್, ರಾಜ ಸಿ2. ಮೆಟ್ಟಿಲು ಇಳಿದ ಹಾಗೆ. ಇನ್ನು ಉಪಯೋಗಕ್ಕೆ ಬರುವ ಚೆಕ್ ಇಲ್ಲ, ನಾನು "ಮುಗೀತು, ರಾಣಿ" ಅಂದೆ.

ಮುಗಿದಿರಲಿಲ್ಲ. ಕಪ್ಪು ಆನೆ ಡಿ4ಕ್ಕೆ ಹೋಗುತ್ತದೆ. ಈಗ ಸಿ8ರಲ್ಲಿ ರಾಣಿ ಮಾಡಿದರೆ ಆನೆ ಸಿ4ಕ್ಕೆ ಬಂದು ಚೆಕ್. ರಾಣಿ ಆನೆಯನ್ನು ಹೊಡೆದರೆ ಎ1ರ ಕಪ್ಪು ರಾಜನಿಗೆ ಚೆಕ್ ಇಲ್ಲ, ಕಾಲಿಡಲು ಮನೆಯೂ ಇಲ್ಲ. ಸ್ಟೇಲ್‌ಮೇಟ್, ಆಟ ಡ್ರಾ. ಇಲ್ಲಿ ಬಿಳಿ ಸಿ8ರಲ್ಲಿ ಆನೆ ಮಾಡಬೇಕು! ಎ8ರಿಂದ ಮೇಟ್ (ರಾಜ ತಪ್ಪಿಸಿಕೊಳ್ಳಲಾಗದ ಚೆಕ್) ಬೆದರಿಕೆ ಇದೆ, ತಡೆಯಲು ಕಪ್ಪು ಆನೆ ಎ4ಕ್ಕೆ ಬರಲೇಬೇಕು. ಆಗ ರಾಜ ಬಿ3. ಆ ಒಂದೇ ನಡೆಯಲ್ಲಿ ಆನೆಯ ಮೇಲೂ ಏಟು, ಸಿ1ರಲ್ಲಿ ಮೇಟ್ ಬೆದರಿಕೆಯೂ. ಎರಡನ್ನೂ ಕಪ್ಪು ಉಳಿಸಿಕೊಳ್ಳಲಾರದು.

ಇದರ ಕಥೆಯೂ ಚೆನ್ನಾಗಿದೆ. 1895ರಲ್ಲಿ ಗ್ಲಾಸ್ಗೋದ ಪತ್ರಿಕೆಯೊಂದರಲ್ಲಿ ಬಾರ್ಬಿಯರ್ ಎನ್ನುವ ಅಂಕಣಕಾರರು ಈ ಅಂತ್ಯವನ್ನು ಡ್ರಾ ಎಂದೇ ಪ್ರಕಟಿಸಿದ್ದರು. ಆ ಊರಿನಲ್ಲಿದ್ದ ಸ್ಪೇನ್ ಮೂಲದ ಪಾದ್ರಿ ಫರ್ನಾಂಡೊ ಸಾವೆದ್ರಾ, ಆನೆ ಮಾಡಿದರೆ ಗೆಲುವಿದೆ ಎಂದು ತೋರಿಸಿದರು. ಆ ಒಂದು ನಡೆಯಿಂದಲೇ ಅವರ ಹೆಸರು ಇವತ್ತಿಗೂ ಉಳಿದಿದೆ. ಡ್ರಾ ಎಂದು ಅಚ್ಚಾದದ್ದನ್ನು ಒಪ್ಪಿಕೊಳ್ಳದೆ ಅವರು ಒಂದು ನಡೆ ಮುಂದೆ ನೋಡಿದ್ದರು. ನಾನು ಐದು ನಡೆ ಸರಿಯಾಗಿ ಹೇಳಿ ಆರನೆಯದರಲ್ಲಿ ಗೆಲುವನ್ನು ಕೈಬಿಟ್ಟಿದ್ದೆ.

ಅವತ್ತಿನಿಂದ ಒಂದು ನೋಟ್‌ಬುಕ್ ಇಟ್ಟಿದ್ದೇನೆ. ಎಡಕ್ಕೆ ಸಮಸ್ಯೆಯ ಸಂಖ್ಯೆ, ಮಧ್ಯೆ ನನ್ನ ನಡೆಗಳು, ಎದುರಾಳಿಯ ಅತಿ ಗಟ್ಟಿ ಉತ್ತರವೂ ಸೇರಿ, ಬಲಕ್ಕೆ ಹಿಡಿದ ನಿಮಿಷ. ಪೂರ್ತಿ ಬರೆದ ಮೇಲೆಯೇ ಉತ್ತರ ನೋಡುವುದು. ಮೊದಲ ನಡೆ ಸರಿ ಇದ್ದು ಮುಂದಿನದು ತಪ್ಪಿದ್ದರೆ ತಪ್ಪು ಅಂತಲೇ ಗುರುತು ಹಾಕಬೇಕು, ಇದರಲ್ಲಿ ರಿಯಾಯಿತಿ ಕೊಟ್ಟುಕೊಳ್ಳಬೇಡಿ. ಬೆಳಗಿನ ಫಾಸ್ಟ್ ಲೋಕಲ್‌ನಲ್ಲಿ ಮೂವರ ಬೆಂಚಿನ ತುದಿಯ ನಾಲ್ಕನೇ ಸೀಟು ಸಿಕ್ಕರೂ ಬರೆಯಲು ಆಗುವುದಿಲ್ಲ. ಅದಕ್ಕೇ ಹೊರಡುವ ಮೊದಲು ಎರಡು ಚಿತ್ರದ ಫೋಟೊ ತೆಗೆದುಕೊಳ್ಳುತ್ತೇನೆ, ಸಿಎಸ್‌ಎಂಟಿ ನಿಲ್ದಾಣ ತಲುಪುವವರೆಗೆ ತಲೆಯಲ್ಲೇ ಆಡುತ್ತೇನೆ, ಆಫೀಸಿನಲ್ಲಿ ಕೂತ ತಕ್ಷಣ ಬರೆದಿಡುತ್ತೇನೆ. ಬೋರ್ಡ್ ಇಲ್ಲದೆ ಲೆಕ್ಕ ಹಾಕುವ ಅಭ್ಯಾಸ ನನಗೆ ಬಂದದ್ದು ಹೀಗೆಯೇ.

ಈಗ ಪುಸ್ತಕಗಳು. ಹೊಸಬರಿಗೆ ನಾನು ಹೇಳುವುದು ಲಾಸ್ಲೊ ಪೋಲ್ಗಾರ್ ಅವರ ಚೆಸ್ ಸಮಸ್ಯೆಗಳ ದಪ್ಪ ಸಂಗ್ರಹ. ಸೂಸನ್, ಸೋಫಿಯಾ, ಜೂಡಿತ್ ಎಂಬ ಮೂವರು ಹೆಣ್ಣುಮಕ್ಕಳನ್ನು ಚೆಸ್ ಆಟಗಾರ್ತಿಯರಾಗಿ ಬೆಳೆಸಿದ ಹಂಗೇರಿಯ ತಂದೆ ಅವರು. ಒಟ್ಟು 5334 ಸ್ಥಿತಿಗಳಿವೆ. ಮೊದಲ 306 ಒಂದೇ ನಡೆಯ ಮೇಟ್, ಆಮೇಲೆ 3412 ಎರಡು ನಡೆಯವು, 744 ಮೂರು ನಡೆಯವು. ಬೆಲೆ, ತೂಕ ಎರಡೂ ಜಾಸ್ತಿ, ಪೂರ್ತಿ ಮುಗಿಸಬೇಕು ಅಂತ ಹಠ ಬೇಡ. ಒಂದು ನಡೆಯವನ್ನು ವಾರದಲ್ಲಿ ಮುಗಿಸಿ, ಎರಡು ನಡೆಯವುಗಳಿಂದ ದಿನಕ್ಕೆ ಆರು ಸಾಕು.

ಆಟದಲ್ಲಿ ಹೊಡೆತಗಳು ತಕ್ಷಣ ಕಣ್ಣಿಗೆ ಬೀಳಬೇಕು ಅನ್ನುವವರಿಗೆ ಸ್ವೀಡನ್ನಿನ ಆಕ್ಸೆಲ್ ಸ್ಮಿತ್ ಮತ್ತು ಹಾನ್ಸ್ ಟಿಕ್ಕನೆನ್ ಬರೆದ 'ದಿ ವುಡ್‌ಪೆಕರ್ ಮೆಥಡ್' ಇದೆ, 2018ರದು. 1128 ಅಭ್ಯಾಸಗಳು, ಎಲ್ಲವೂ ವಿಶ್ವ ಚಾಂಪಿಯನ್ನರು ಆಡಿದ ಆಟಗಳಿಂದ ತೆಗೆದವು. ವಿಧಾನ ಸರಳ: ಒಂದು ಗುಂಪನ್ನು ಬಿಡಿಸಿ, ಮತ್ತೆ ಅದೇ ಗುಂಪನ್ನು ಸುಮಾರು ಅರ್ಧ ಸಮಯದಲ್ಲಿ ಬಿಡಿಸಿ, ಮತ್ತೆ ಅದರ ಅರ್ಧದಲ್ಲಿ. ಟಿಕ್ಕನೆನ್ ಹೀಗೆ ಅಭ್ಯಾಸ ಮಾಡಿ 2010ರಲ್ಲಿ ಏಳು ವಾರದೊಳಗೆ ಮೂರು ಗ್ರಾಂಡ್‌ಮಾಸ್ಟರ್ ನಾರ್ಮ್ (ಆ ಪದವಿಗೆ ಬೇಕಾದ ಅರ್ಹತಾ ಸಾಧನೆ) ಗಳಿಸಿದರು. ನಾನು ಇದರ ಸುಲಭ ಭಾಗದ 222 ಸಮಸ್ಯೆಗಳನ್ನು ನಾಲ್ಕು ಸಲ ಮಾಡಿದ್ದೇನೆ. ಮೂರನೇ ಸಲಕ್ಕೆ ಉತ್ತರ ಬಾಯಿಪಾಠ ಆಗಿಬಿಡುತ್ತದೆ ಎಂದು ಕೆಲವರು ದೂರುತ್ತಾರೆ. ಆಗಲಿ ಬಿಡಿ. ಎಂಟನೇ ಸಾಲಿನಲ್ಲಿ ಸಿಕ್ಕಿಬಿದ್ದ ರಾಜ, ಕುದುರೆಯ ಜೋಡಿ ಹೊಡೆತ, ಇವು ಆಟದಲ್ಲಿ ನೆನಪಿನಿಂದಲೇ ಎದ್ದು ಬರಬೇಕು, ಮಗ್ಗಿ ಹಾಗೆ.

ನಿಜವಾದ ಆಟದಲ್ಲಿ ಬರದೆ, ಯಾರೋ ಕೂತು ರಚಿಸಿದ ಸಮಸ್ಯೆಗಳು ಬೇರೆ ಜಾತಿ. ಆಟದ ಸ್ಥಿತಿಯಲ್ಲಿ ಮೊದಲು ಚೆಕ್, ಆಮೇಲೆ ಹೊಡೆತ, ಆಮೇಲೆ ಬೆದರಿಕೆ ಎಂಬ ಕ್ರಮದಲ್ಲಿ ಹುಡುಕುತ್ತೇವೆ. ರಚನೆಯಲ್ಲಿ ಮೊದಲ ನಡೆ ಸಾಮಾನ್ಯವಾಗಿ ಚೆಕ್ಕೂ ಅಲ್ಲ, ಹೊಡೆತವೂ ಅಲ್ಲ. ಪಾಲ್ ಮಾರ್ಫಿ ಹೆಸರಿನಲ್ಲಿರುವ ಈ ಪುಟ್ಟದನ್ನು ನೋಡಿ. ಬಿಳಿ: ರಾಜ ಸಿ8, ಆನೆ ಎ1, ಪ್ಯಾದೆ ಬಿ6. ಕಪ್ಪು: ರಾಜ ಎ8, ಒಂಟೆ ಬಿ8, ಪ್ಯಾದೆಗಳು ಎ7 ಮತ್ತು ಬಿ7. ಎರಡು ನಡೆಯಲ್ಲಿ ಮೇಟ್. ಎಲ್ಲರ ಕೈಯೂ ಪ್ಯಾದೆಯಿಂದ ಎ7 ಹೊಡೆಯಲು ಹೋಗುತ್ತದೆ, ಆದರೆ ಒಂಟೆ ವಾಪಸ್ ಹೊಡೆದರೆ ಮೇಟ್ ಸಿಗುವುದಿಲ್ಲ. ಉತ್ತರ ಆನೆ ಎ6! ಪ್ಯಾದೆಯ ಬಾಯಿಗೇ ಆನೆ. ಬಿ7ರ ಪ್ಯಾದೆ ಹೊಡೆದರೆ ಬಿಳಿ ಪ್ಯಾದೆ ಬಿ7ಕ್ಕೆ ಬಂದು ಮೇಟ್. ಒಂಟೆ ಎಲ್ಲಿಗೆ ಸರಿದರೂ ಆನೆ ಎ7 ಹೊಡೆದು ಮೇಟ್. ಎ7ರ ಪ್ಯಾದೆ ಅಲುಗಾಡುವ ಹಾಗಿಲ್ಲ, ಹಿಂದೆ ರಾಜ ಇದ್ದಾನೆ. ಇದರ ಚೆಂದ ಏನೆಂದರೆ, ಕಪ್ಪು ಸುಮ್ನೆ ಕೂರುವ ಹಾಗಿದ್ದರೆ ಬಿಳಿಗೆ ಮೇಟೇ ಇರಲಿಲ್ಲ! ಆಡಲೇಬೇಕು ಎಂಬ ನಿಯಮವೇ ಕಪ್ಪನ್ನು ಸೋಲಿಸುತ್ತದೆ. ಇದಕ್ಕೆ ಝುಗ್‌ಜ್ವಾಂಗ್ ಎನ್ನುತ್ತಾರೆ.

ಇಂಥ ಸಮಸ್ಯೆ ಬಿಡಿಸುವುದೇ ಒಂದು ಸ್ಪರ್ಧೆ. 1977ರಿಂದ ವಿಶ್ವ ಚಾಂಪಿಯನ್‌ಶಿಪ್ ನಡೆಯುತ್ತಿದೆ, ಪ್ರತಿ ಸಮಸ್ಯೆಗೆ 5 ಅಂಕ. ಇದರಿಂದ ಆಟ ಸುಧಾರಿಸುತ್ತದಾ? ನೇರವಾಗಿ ಸ್ವಲ್ಪವೇ. ಆದರೆ ಎದುರಾಳಿಯ ಒಂದೊಂದು ಉತ್ತರವನ್ನೂ ಬಿಡದೆ ಎಣಿಸುವ ಅಭ್ಯಾಸ ಇದರಷ್ಟು ಚೆನ್ನಾಗಿ ಬೇರೆಲ್ಲೂ ಬರುವುದಿಲ್ಲ. ವಾರಕ್ಕೆ ಎರಡು ಮಾಡಿ.

ಅಂತ್ಯದಾಟಕ್ಕೆ ಜೆರೆಮಿ ಸಿಲ್ಮನ್ ಅವರ ಕೋರ್ಸ್ ತಗೊಳ್ಳಿ. ಅಧ್ಯಾಯಗಳನ್ನು ರೇಟಿಂಗ್ (ಆಟಗಾರರ ಬಲ ಅಳೆಯುವ ಅಂಕ) ಪ್ರಕಾರ ಜೋಡಿಸಿದ್ದಾರೆ, ನಿಮ್ಮ ಮಟ್ಟದ ಅಧ್ಯಾಯ ಮುಗಿದ ಮೇಲೆ ಪುಸ್ತಕ ಮುಚ್ಚಿಡಿ ಎಂದು ಅವರೇ ಹೇಳುತ್ತಾರೆ. ಡ್ವೊರೆಟ್ಸ್ಕಿಯ ಅಂತ್ಯದಾಟದ ಕೈಪಿಡಿ ಅದ್ಭುತವಾದದ್ದು, ಆದರೆ ಈಗಲೇ ಬೇಡ. ಮೊದಲು ಫಿಲಿಡೋರ್ ಸ್ಥಿತಿ ಗಟ್ಟಿ ಮಾಡಿಕೊಳ್ಳಿ: ಆನೆ ವಿರುದ್ಧ ಆನೆ, ಎದುರಾಳಿಗೆ ಒಂದು ಪ್ಯಾದೆ, ನಿಮ್ಮ ರಾಜ ಅದರ ಎದುರಿಗೇ ಇದ್ದಾನೆ. ನಿಮ್ಮ ಕಡೆಯಿಂದ ಎಣಿಸಿದರೆ ಮೂರನೇ ಸಾಲಿನಲ್ಲಿ ಆನೆ ನಿಲ್ಲಿಸಿ, ಅವರ ರಾಜನನ್ನು ಒಳಗೆ ಬಿಡಬೇಡಿ. ಪ್ಯಾದೆ ಆ ಸಾಲಿಗೆ ಬಂದ ಕ್ಷಣ ಆನೆಯನ್ನು ಬೋರ್ಡಿನ ಆ ತುದಿಗೆ ಕಳಿಸಿ ಹಿಂದಿನಿಂದ ಚೆಕ್ ಕೊಡುತ್ತಾ ಇರಿ. ಅವರ ರಾಜನಿಗೆ ಅಡಗಲು ಜಾಗ ಇರುವುದಿಲ್ಲ, ಆಟ ಡ್ರಾ. ಇದೊಂದರಿಂದ ಠಾಣೆಯ ಒಂದು ರ‍್ಯಾಪಿಡ್ ಟೂರ್ನಮೆಂಟಿನಲ್ಲಿ ನನಗೆ ಅರ್ಧ ಅಂಕ ಉಳಿದಿದೆ.

ಪೂರ್ತಿ ಆಟ ಅರ್ಥ ಮಾಡಿಕೊಳ್ಳಲು ಇರ್ವಿಂಗ್ ಚೆರ್ನೆವ್ ಅವರ 1957ರ 'ಲಾಜಿಕಲ್ ಚೆಸ್'. 33 ಆಟ, ಪ್ರತಿ ನಡೆಗೂ ವಿವರಣೆ. ಮುಂದಿನ ನಡೆಯ ಮೇಲೆ ಕಾಗದ ಮುಚ್ಚಿ, ನಿಮ್ಮದನ್ನು ಬರೆದು, ಆಮೇಲೆ ಕಾಗದ ಸರಿಸಿ. ಆರಂಭದಾಟದ ಪುಸ್ತಕಗಳಿಗೆ ಸದ್ಯಕ್ಕೆ ದುಡ್ಡು ಹಾಕಬೇಡಿ. ಒಂದಾದ ಮೇಲೊಂದು ಕ್ರಮವಾಗಿ ಕಲಿಯಬೇಕು, ಪರೀಕ್ಷೆಯೂ ಇರಬೇಕು ಅನ್ನುವವರಿಗೆ ಆರ್ತೂರ್ ಯುಸುಪೊವ್ ಅವರ ಒಂಬತ್ತು ಪುಸ್ತಕಗಳಿವೆ. ಪ್ರತಿಯೊಂದರಲ್ಲೂ 24 ಅಧ್ಯಾಯ, ಪ್ರತಿ ಅಧ್ಯಾಯದ ಕೊನೆಗೆ 12 ಪ್ರಶ್ನೆ. ಪಾಸ್ ಅಂಕ ಬರದಿದ್ದರೆ ಅಧ್ಯಾಯ ಮತ್ತೆ ಓದಬೇಕು. ನಾನೀಗ ಇದರ ಮೊದಲನೆಯದರಲ್ಲೇ ಇದ್ದೇನೆ.

ಫೋರ್ಟ್ ಮತ್ತು ಕಿಂಗ್ಸ್ ಸರ್ಕಲ್ ಫುಟ್‌ಪಾತ್‌ನಲ್ಲಿ, ಪುಣೆಗೆ ಹೋದರೆ ಅಪ್ಪಾ ಬಳವಂತ ಚೌಕದಲ್ಲಿ, ಹಳೆಯ ಚೆಸ್ ಪುಸ್ತಕ ಸಿಕ್ಕರೆ ಒಳಗೆ ತೆರೆದು ನೋಡಿ ಕೊಳ್ಳಿ. ಹಳೆಯ ಮುದ್ರಣಗಳಲ್ಲಿ ಇ4 ಎಂಬುದಕ್ಕೆ ಪಿ-ಕೆ4 ಎಂದಿರುತ್ತದೆ, ರಾಜನ ಮುಂದಿನ ಪ್ಯಾದೆ ನಾಲ್ಕನೇ ಮನೆಗೆ ಎಂದು ಅರ್ಥ. ಕಪ್ಪು ತನ್ನ ಕಡೆಯಿಂದ ಎಣಿಸುವುದರಿಂದ ಕಪ್ಪಿನ ಇ5 ಕೂಡ ಪಿ-ಕೆ4 ಆಗುತ್ತದೆ! ಒಂದು ವಾರದಲ್ಲಿ ರೂಢಿಯಾಗುತ್ತದೆ, ಅದಕ್ಕೆ ಹೆದರಿ ಒಳ್ಳೆ ಪುಸ್ತಕ ಬಿಡಬೇಡಿ. ಆದರೆ ಹಿಂದಿನ ಮಾಲೀಕರು ಚಿತ್ರದ ಪಕ್ಕದಲ್ಲೇ ಪೆನ್ಸಿಲ್‌ನಲ್ಲಿ ಉತ್ತರ ಬರೆದಿದ್ದರೆ ಬಿಡಿ, ಕಣ್ಣು ಅಲ್ಲಿಗೇ ಹೋಗುತ್ತದೆ.

ಮುಂದಿನ ಭಾನುವಾರಕ್ಕೆ ಒಂದು ಕೊಡುತ್ತೇನೆ, ರಿಚರ್ಡ್ ರೇಟಿ 1921ರಲ್ಲಿ ರಚಿಸಿದ್ದು. ಬಿಳಿ ರಾಜ ಹೆಚ್8, ಬಿಳಿ ಪ್ಯಾದೆ ಸಿ6. ಕಪ್ಪು ರಾಜ ಎ6, ಕಪ್ಪು ಪ್ಯಾದೆ ಹೆಚ್5. ಬಿಳಿಯ ಸರದಿ, ಡ್ರಾ ಮಾಡಬೇಕು. ಕಪ್ಪು ಪ್ಯಾದೆ ಓಡುತ್ತಿದೆ, ಬಿಳಿ ರಾಜ ಅದನ್ನು ಹಿಡಿಯಲು ಎರಡು ಹೆಜ್ಜೆ ಹಿಂದಿದ್ದಾನೆ, ತನ್ನ ಪ್ಯಾದೆಯಿಂದಲೂ ದೂರ ಇದ್ದಾನೆ. ಆದರೂ ಡ್ರಾ ಇದೆ. ಉತ್ತರ ಹುಡುಕಲು ಫೋನ್ ತೆಗೆಯಬೇಡಿ. ನೋಟ್‌ಬುಕ್ ತನ್ನಿ, ಕಪ್ಪಿನ ನಡೆಗಳನ್ನೂ ಬರೆದಿರಬೇಕು.