ಗೃಹಸಾಲದ ನಿಜವಾದ ಬೆಲೆ: ಇಎಂಐ ಆಚೆಗಿನ ಲೆಕ್ಕ

ಗೃಹಸಾಲದ ಮಾತು ಬಂದರೆ ಎಲ್ಲರೂ ಮೊದಲು ಕೇಳುವುದು "ಇಎಂಐ (ತಿಂಗಳ ಕಂತು) ಎಷ್ಟು ಬರುತ್ತೆ?" ಅಂತ. ಸಂಬಳದಲ್ಲಿ ಹೊಂದಿಸಬಹುದು ಅನ್ನಿಸಿದರೆ ಸಾಕು, ಸಹಿ ಹಾಕಿಬಿಡುತ್ತಾರೆ. ಆದರೆ ಸಾಲದ ಬೆಲೆ ಗೊತ್ತಾಗುವುದು ಬೇರೆ ಎರಡು ಸಂಖ್ಯೆಗಳಿಂದ. ಇವತ್ತಿಗೆ ಬಾಕಿ ಇರುವ ಅಸಲು ಎಷ್ಟು, ಇನ್ನು ಉಳಿದಿರುವ ಕಂತುಗಳೆಷ್ಟು. ಈ ಟಿಪ್ಪಣಿ ಪೂರ್ತಿ ಈ ಎರಡರ ಬಗ್ಗೆಯೇ. ಕ್ಯಾಲ್ಕುಲೇಟರ್ ಪಕ್ಕದಲ್ಲಿಟ್ಟುಕೊಂಡು ಓದಿ, ಪ್ರತಿ ಲೆಕ್ಕವನ್ನೂ ನೀವೇ ಒಮ್ಮೆ ಮಾಡಿ ನೋಡಿ. ಬೇರೆಯವರು ಮಾಡಿಟ್ಟ ಲೆಕ್ಕ ತಲೆಯಲ್ಲಿ ನಿಲ್ಲುವುದಿಲ್ಲ.

ಒಂದೇ ಉದಾಹರಣೆಯನ್ನು ಕೊನೆವರೆಗೂ ಹಿಡಿದುಕೊಳ್ಳೋಣ. ಮೈಸೂರಿನ ಬೋಗಾದಿ ಕಡೆ ಒಬ್ಬರು 50 ಲಕ್ಷದ ಮನೆ ಕೊಳ್ಳುತ್ತಿದ್ದಾರೆ ಅಂದುಕೊಳ್ಳಿ. ಕೈಯಿಂದ 10 ಲಕ್ಷ, ಸಾಲ 40 ಲಕ್ಷ. ಬಡ್ಡಿ ವರ್ಷಕ್ಕೆ ಶೇ 8.5, ಅವಧಿ 20 ವರ್ಷ. ಇಎಂಐ 34,713 ರೂಪಾಯಿ. 240 ಕಂತು ಕಟ್ಟಿದರೆ ಒಟ್ಟು ಸುಮಾರು 83.3 ಲಕ್ಷ. ಅಂದರೆ 40 ಲಕ್ಷ ಅಸಲಿಗೆ 43.3 ಲಕ್ಷ ಬಡ್ಡಿ.

ಮೊದಲ ಕಂತಿನ ಒಳಗೆ ಏನಿದೆ

ಇಲ್ಲಿ ಬಡ್ಡಿ ಲೆಕ್ಕ ತುಂಬಾ ಸರಳ. ಬಾಕಿ ಅಸಲನ್ನು ವಾರ್ಷಿಕ ಬಡ್ಡಿ ದರದಿಂದ ಗುಣಿಸಿ 12ರಿಂದ ಭಾಗಿಸಿ, ಅಷ್ಟೇ. 40 ಲಕ್ಷಕ್ಕೆ ಶೇ 8.5ರಂತೆ ಒಂದು ತಿಂಗಳಿಗೆ 28,333 ರೂಪಾಯಿ. ಇಎಂಐನಲ್ಲಿ ಇದನ್ನು ಕಳೆದರೆ ಉಳಿಯುವುದು 6,380. ಮೊದಲ ತಿಂಗಳು ನಿಮ್ಮ ಸಾಲ ಇಳಿಯುವುದು ಇಷ್ಟು ಮಾತ್ರ. ಎರಡನೇ ತಿಂಗಳು ಬಾಕಿ 6,380 ಕಡಿಮೆಯಾದ್ದರಿಂದ ಬಡ್ಡಿಯೂ 45 ರೂಪಾಯಿ ಇಳಿಯುತ್ತದೆ, ಆ 45 ರೂಪಾಯಿ ಅಸಲಿನ ಕಡೆಗೆ ಹೋಗುತ್ತದೆ. ಹೀಗೆ ನಿಧಾನವಾಗಿ, ತುಂಬಾ ನಿಧಾನವಾಗಿ, ತಕ್ಕಡಿ ವಾಲುತ್ತದೆ.

ಎಷ್ಟು ನಿಧಾನ ಅಂದರೆ, ಮೊದಲ ವರ್ಷ ಕಟ್ಟಿದ 4.16 ಲಕ್ಷದಲ್ಲಿ ಅಸಲಿಗೆ ಹೋದದ್ದು 80 ಸಾವಿರದ ಆಸುಪಾಸು. ಐದು ವರ್ಷಕ್ಕೆ 20.8 ಲಕ್ಷ ಕಟ್ಟಿರುತ್ತೀರಿ, ಸಾಲ ಇಳಿದಿರುವುದು 4.75 ಲಕ್ಷ. ಹತ್ತು ವರ್ಷ, ಅಂದರೆ ಅರ್ಧ ಅವಧಿ ಮುಗಿದಾಗಲೂ 28 ಲಕ್ಷ ಬಾಕಿ. ಒಂದು ಕಂತಿನಲ್ಲಿ ಬಡ್ಡಿಗಿಂತ ಅಸಲು ಜಾಸ್ತಿಯಾಗುವುದು 12ನೇ ವರ್ಷದ ಕೊನೆಗೆ. ಅರ್ಧ ಸಾಲ ತೀರಲು 14 ವರ್ಷ ಹತ್ತಿರ ಬೇಕು.

ಇದರಲ್ಲಿ ಬ್ಯಾಂಕಿನ ಮೋಸವೇನೂ ಇಲ್ಲ. ಬಾಕಿ ಜಾಸ್ತಿ ಇದ್ದಾಗ ಬಡ್ಡಿ ಜಾಸ್ತಿ, ಅಷ್ಟೇ ಲೆಕ್ಕ. ಆದರೆ ಮೊದಲ ಕೆಲವು ವರ್ಷಗಳಲ್ಲಿ ನೀವು ತೆಗೆದುಕೊಳ್ಳುವ ನಿರ್ಧಾರಕ್ಕೆ ಇರುವ ತೂಕ ಕೊನೆಯ ವರ್ಷಗಳ ನಿರ್ಧಾರಕ್ಕೆ ಇರುವುದಿಲ್ಲ. ಇದು ಅರ್ಥವಾದರೆ ಮುಂದಿನದೆಲ್ಲ ಸುಲಭ.

ಅವಧಿ ಹಿಗ್ಗಿಸಿದರೆ

"ಇಎಂಐ ಭಾರ ಅನ್ನಿಸಿದರೆ 30 ವರ್ಷ ಮಾಡಿಕೊಳ್ಳಿ" ಅಂತ ಸಲಹೆ ಕೊಡುವವರು ಬಹಳ ಜನ. ಮಾಡಿ ನೋಡೋಣ. ಅದೇ 40 ಲಕ್ಷ, ಅದೇ ಶೇ 8.5. ಇಎಂಐ 30,757ಕ್ಕೆ ಇಳಿಯುತ್ತದೆ. ತಿಂಗಳಿಗೆ ಉಳಿದದ್ದು ನಾಲ್ಕು ಸಾವಿರದೊಳಗೆ. ಬಡ್ಡಿ ಮಾತ್ರ 43.3 ಲಕ್ಷದಿಂದ 70.7 ಲಕ್ಷಕ್ಕೆ ಏರುತ್ತದೆ. ಅದೇ 15 ವರ್ಷಕ್ಕೆ ತಂದರೆ ಇಎಂಐ 39,390, ಬಡ್ಡಿ 30.9 ಲಕ್ಷ. ತಿಂಗಳಿಗೆ 4,700 ಜಾಸ್ತಿ ಕಟ್ಟಿ 12 ಲಕ್ಷಕ್ಕೂ ಹೆಚ್ಚು ಉಳಿಸಿದ ಹಾಗೆ.

ಎಲ್ಲರೂ 15 ವರ್ಷಕ್ಕೇ ಹೋಗಬೇಕು ಅಂತ ನಾನು ಹೇಳುವುದಿಲ್ಲ. ಒಬ್ಬರ ಸಂಬಳದಲ್ಲಿ ನಡೆಯುವ ಮನೆ, ಮಕ್ಕಳ ಫೀಸು, ಅಪ್ಪ ಅಮ್ಮನ ಔಷಧಿ ಇದ್ದಾಗ ಇಎಂಐ ಬಿಗಿಯಾದರೆ ಬದುಕೇ ಕಷ್ಟ. ಅಂಥವರು 20 ವರ್ಷ ಇಟ್ಟುಕೊಂಡು ಕೈ ಸಡಿಲವಾದಾಗ ಜಾಸ್ತಿ ಕಟ್ಟುವುದೇ ಕ್ಷೇಮ. 30 ವರ್ಷ ತೆಗೆದುಕೊಂಡು ಮರೆತುಬಿಡುವುದು ಮಾತ್ರ ಬೇಡ.

ಬಡ್ಡಿ ದರ ಏರಿದಾಗ ಇಎಂಐ ಯಾಕೆ ಬದಲಾಗಲ್ಲ

ನನ್ನ ಪ್ರಕಾರ ಈ ಇಡೀ ವಿಷಯದಲ್ಲಿ ಜನ ಹೆಚ್ಚು ನಷ್ಟ ಮಾಡಿಕೊಳ್ಳುವುದು ಇಲ್ಲೇ. ಸ್ವಲ್ಪ ನಿಧಾನವಾಗಿ ಓದಿ.

ನಮ್ಮಲ್ಲಿ ಹೆಚ್ಚಿನ ಗೃಹಸಾಲ ಫ್ಲೋಟಿಂಗ್ ದರದ್ದು, ಅಂದರೆ ಬಡ್ಡಿ ದರ ಮಧ್ಯದಲ್ಲಿ ಏರಿಳಿಯುವಂಥದ್ದು. 2019ರ ಅಕ್ಟೋಬರ್ 1ರಿಂದ ಬ್ಯಾಂಕುಗಳು ಕೊಡುವ ಹೊಸ ಫ್ಲೋಟಿಂಗ್ ಗೃಹಸಾಲಗಳನ್ನು ಹೊರಗಿನ ಒಂದು ಮಾನದಂಡಕ್ಕೆ ಜೋಡಿಸಬೇಕು ಅಂತ ರಿಸರ್ವ್ ಬ್ಯಾಂಕ್ ನಿಯಮ ಮಾಡಿತು. ಹೆಚ್ಚಿನ ಬ್ಯಾಂಕುಗಳು ರೆಪೊ ದರ, ಅಂದರೆ ರಿಸರ್ವ್ ಬ್ಯಾಂಕ್ ಬ್ಯಾಂಕುಗಳಿಗೆ ಸಾಲ ಕೊಡುವ ದರ, ಆರಿಸಿಕೊಂಡವು. ರೆಪೊ ಜೊತೆಗೆ ಬ್ಯಾಂಕಿನ ಸ್ಪ್ರೆಡ್ (ಬ್ಯಾಂಕು ಅದರ ಮೇಲೆ ಸೇರಿಸುವ ಅಂಶ) ಸೇರಿದರೆ ನಿಮ್ಮ ದರ. ರೆಪೊ 2022ರ ಮೇ ತಿಂಗಳವರೆಗೆ ಶೇ 4 ಇತ್ತು. 2023ರ ಫೆಬ್ರವರಿ ಹೊತ್ತಿಗೆ ಶೇ 6.5 ಆಯಿತು. ಒಂದು ವರ್ಷದೊಳಗೆ ಎರಡೂವರೆ. ಆಮೇಲೆ 2025ರಲ್ಲಿ ಇಳಿಯತೊಡಗಿ, ಫೆಬ್ರವರಿಯಲ್ಲಿ 6.25, ಏಪ್ರಿಲ್‌ನಲ್ಲಿ 6, ಜೂನ್‌ನಲ್ಲಿ 5.5 ಆಯಿತು.

ದರ ಏರಿದಾಗ ಬ್ಯಾಂಕುಗಳು ಸಾಮಾನ್ಯವಾಗಿ ಇಎಂಐ ಮುಟ್ಟದೆ ಅವಧಿಯನ್ನು ಹಿಗ್ಗಿಸುತ್ತವೆ. ಖಾತೆಯಿಂದ ಹೋಗುವ ದುಡ್ಡು ಅಷ್ಟೇ ಇರುತ್ತೆ, ಹಾಗಾಗಿ ಏನೂ ಆಗಿಲ್ಲ ಅನ್ನಿಸುತ್ತದೆ. ನಮ್ಮ ಉದಾಹರಣೆಯಲ್ಲಿ ಸಾಲ ಶುರುವಾದ ಸ್ವಲ್ಪ ದಿನಕ್ಕೇ ದರ 8.5ರಿಂದ 9.5 ಆಯಿತು ಅಂದುಕೊಳ್ಳಿ. ಇಎಂಐ ಅದೇ 34,713. 240 ಕಂತು ಈಗ ಸುಮಾರು 309 ಆಗುತ್ತದೆ. ಹೆಚ್ಚಾದ ಐದೂಮುಕ್ಕಾಲು ವರ್ಷದಲ್ಲಿ ಕಟ್ಟಬೇಕಾದ್ದು 23 ಲಕ್ಷಕ್ಕೂ ಜಾಸ್ತಿ. ಬರೀ ಶೇ 1ಕ್ಕೆ ಇಷ್ಟು!

2022ರ ಶುರುವಿನಲ್ಲಿ ಶೇ 7ಕ್ಕೆ 40 ಲಕ್ಷ ಸಾಲ ತೆಗೆದುಕೊಂಡವರ ಸ್ಥಿತಿ ಇನ್ನೂ ಕಷ್ಟದ್ದು. ಅವರ ಇಎಂಐ 31,012. ಒಂದು ವರ್ಷದೊಳಗೆ ದರ 9.5 ಆದಾಗ ಬಾಕಿ ಇನ್ನೂ 39.5 ಲಕ್ಷ ಇದ್ದರೆ ತಿಂಗಳ ಬಡ್ಡಿಯೇ 31,270. ಅಂದರೆ ಪೂರ್ತಿ ಇಎಂಐ ಕಟ್ಟಿದರೂ ಸಾಲ ಇಳಿಯುವುದಿಲ್ಲ, ಇನ್ನಷ್ಟು ಏರುತ್ತದೆ.

ಇಂಥದ್ದನ್ನು ತಡೆಯಲೆಂದೇ 2023ರ ಆಗಸ್ಟ್‌ನಲ್ಲಿ ರಿಸರ್ವ್ ಬ್ಯಾಂಕ್ ಒಂದು ಸುತ್ತೋಲೆ ಹೊರಡಿಸಿತು. ದರ ಬದಲಾದಾಗ ಸಾಲಗಾರರಿಗೆ ತಿಳಿಸಬೇಕು. ಇಎಂಐ ಏರಿಸಬೇಕೋ, ಅವಧಿ ಹಿಗ್ಗಿಸಬೇಕೋ, ಎರಡೂ ಸ್ವಲ್ಪ ಸ್ವಲ್ಪ ಮಾಡಬೇಕೋ ಅಂತ ಆರಿಸಿಕೊಳ್ಳುವ ಅವಕಾಶ ಕೊಡಬೇಕು. ಹಿಗ್ಗಿಸಿದ ಅವಧಿಯಲ್ಲೂ ಇಎಂಐ ಕನಿಷ್ಠ ಬಡ್ಡಿಯನ್ನಾದರೂ ಪೂರ್ತಿ ತೀರಿಸುವಂತಿರಬೇಕು. ಹಾಗಾಗಿ ದರ ಏರಿದೆ ಅಂತ ಮೆಸೇಜ್ ಬಂದ ದಿನ ಸುಮ್ನೆ ಬಿಡಬೇಡಿ. ಬ್ರಾಂಚಿಗೆ ಹೋಗಿ "ಸಾರ್, ನನ್ನ ಅವಧಿ ಮೊದಲಿನಷ್ಟೇ ಇರಲಿ, ಇಎಂಐ ಏರಿಸಿ" ಅಂತ ಬರೆದುಕೊಡಿ. ದರ ಇಳಿದಾಗ ಇದಕ್ಕೆ ಉಲ್ಟಾ ಮಾಡಿ. ಇಎಂಐ ಇಳಿಸಿಕೊಳ್ಳದೆ ಹಾಗೇ ಬಿಟ್ಟರೆ ಕಂತುಗಳು ತಾನಾಗಿ ಕಡಿಮೆಯಾಗುತ್ತವೆ.

ಇನ್ನೊಂದು ಮಾತು. ಸಾಲ 2019ಕ್ಕಿಂತ ಹಳೆಯದಾದರೆ ಅದು ಇನ್ನೂ ಎಂಸಿಎಲ್‌ಆರ್ ಅಥವಾ ಬೇಸ್ ರೇಟ್ ಅನ್ನುವ, ಬ್ಯಾಂಕು ತಾನೇ ಲೆಕ್ಕ ಹಾಕುವ ಹಳೆಯ ದರದಲ್ಲಿ ಕೂತಿರಬಹುದು. ರೆಪೊ ಇಳಿದರೂ ಅಲ್ಲಿ ಬೇಗ ಇಳಿಯುವುದಿಲ್ಲ. ಬದಲಾಯಿಸಿಕೊಡಿ ಅಂತ ಕೇಳಬಹುದು, ಸ್ವಲ್ಪ ಶುಲ್ಕ ಆಗಬಹುದು.

ಬೇರೆ ಬ್ಯಾಂಕಿಗೆ ಸಾಲ ಬದಲಾಯಿಸುವಾಗ

ಎಂಟು ವರ್ಷ ಕಟ್ಟಿದ ಮೇಲೆ ನಮ್ಮ ಉದಾಹರಣೆಯಲ್ಲಿ ಬಾಕಿ 31.27 ಲಕ್ಷ. ಇನ್ನೊಂದು ಬ್ಯಾಂಕು ಶೇ 8ಕ್ಕೆ ಕೊಡುತ್ತೇವೆ, ಇಎಂಐ 26 ಸಾವಿರ ಚಿಲ್ಲರೆ ಮಾತ್ರ ಅನ್ನುತ್ತದೆ. ಎಂಟು ಸಾವಿರ ಉಳಿಯಿತಲ್ಲ ಅಂತ ಖುಷಿಯಾಗುತ್ತೆ. ಆದರೆ ಆ ಇಎಂಐ ಮತ್ತೆ ಹೊಸದಾಗಿ 20 ವರ್ಷಕ್ಕೆ ಹಾಕಿದ್ದು. ಹಳೆಯ ಸಾಲದಲ್ಲೇ ಇದ್ದಿದ್ದರೆ ಇನ್ನು ಕಟ್ಟಬೇಕಾಗಿದ್ದದ್ದು 50 ಲಕ್ಷ. ಹೊಸದರಲ್ಲಿ ಸುಮಾರು 62.8 ಲಕ್ಷ. ದರ ಅರ್ಧ ಪರ್ಸೆಂಟ್ ಕಡಿಮೆಯಾದರೂ 12 ಲಕ್ಷಕ್ಕೂ ಜಾಸ್ತಿ ಹೋಯಿತು. ಅದೇ ಶೇ 8ರಲ್ಲಿ ಉಳಿದ 12 ವರ್ಷವನ್ನೇ ಇಟ್ಟುಕೊಂಡಿದ್ದರೆ ಒಂದೂಕಾಲು ಲಕ್ಷ ಉಳಿಯುತ್ತಿತ್ತು, ಅದರಲ್ಲಿ ಪ್ರೊಸೆಸಿಂಗ್ ಫೀ, ಲೀಗಲ್ ಖರ್ಚು ಕಳೆಯಬೇಕು.

ಮುಂಚಿತವಾಗಿ ಕಟ್ಟುವುದು

ವ್ಯಕ್ತಿಗಳ ಹೆಸರಿನ ಫ್ಲೋಟಿಂಗ್ ದರದ ಗೃಹಸಾಲಕ್ಕೆ ಮುಂಚಿತವಾಗಿ ಕಟ್ಟಿದ್ದಕ್ಕೆ ಬ್ಯಾಂಕು ದಂಡ ಹಾಕುವಂತಿಲ್ಲ. 2012ರಿಂದಲೇ ಈ ನಿಯಮ ಇದೆ. ಆದರೂ ಎಷ್ಟೋ ಜನ ದಂಡದ ಭಯಕ್ಕೇ ಕಟ್ಟದೆ ಇರುತ್ತಾರೆ.

ಯಾವಾಗ ಕಟ್ಟಬೇಕು? ಆದಷ್ಟು ಬೇಗ. ಎರಡು ಲಕ್ಷ ರೂಪಾಯಿಯನ್ನು ಮೊದಲ ವರ್ಷದ ಕೊನೆಗೆ ಅಸಲಿಗೆ ಹಾಕಿದರೆ 26 ಕಂತು ಕಡಿಮೆಯಾಗಿ ಸುಮಾರು 7 ಲಕ್ಷ ಬಡ್ಡಿ ಉಳಿಯುತ್ತದೆ. ಅದೇ ಎರಡು ಲಕ್ಷವನ್ನು 12ನೇ ವರ್ಷದ ಕೊನೆಗೆ ಹಾಕಿದರೆ ಉಳಿಯುವುದು 1.8 ಲಕ್ಷ. ಇನ್ನು ವರ್ಷಕ್ಕೊಂದು ಇಎಂಐ ಹೆಚ್ಚಿಗೆ ಕಟ್ಟುತ್ತಾ ಹೋದರೆ 20 ವರ್ಷದ ಸಾಲ 16 ವರ್ಷ 9 ತಿಂಗಳ ಹೊತ್ತಿಗೆ ಮುಗಿಯುತ್ತದೆ, 8 ಲಕ್ಷದಷ್ಟು ಉಳಿಯುತ್ತದೆ. ಮೈಸೂರಿನ ಹೆಬ್ಬಾಳದ ಕಾರ್ಖಾನೆಯಲ್ಲಿ ಕೆಲಸ ಮಾಡುವವರಿಗೆ ಬೋನಸ್ ಬಂದಾಗ, ಮಂಡ್ಯ ಕಡೆಯವರಿಗೆ ಕಬ್ಬಿನ ದುಡ್ಡು ಒಟ್ಟಿಗೆ ಕೈಗೆ ಬಂದಾಗ, ಭೋಗ್ಯಕ್ಕೆ ಕೊಟ್ಟಿದ್ದ ಹಣ ವಾಪಸ್ ಬಂದಾಗ, ಒಂದು ಪಾಲು ಹೀಗೆ ಹಾಕಬಹುದು. ಕಟ್ಟುವಾಗ "ಇಎಂಐ ಇಳಿಸಬೇಡಿ, ಅವಧಿ ಇಳಿಸಿ" ಅಂತ ಬರೆದುಕೊಡಿ, ಆಮೇಲೆ ಸ್ಟೇಟ್‌ಮೆಂಟ್ ತೆಗೆದು ನೋಡಿ.

ಆದರೆ ಕೈಯಲ್ಲಿರುವುದನ್ನೆಲ್ಲ ಸಾಲಕ್ಕೆ ಸುರಿಯಬೇಡಿ. ಆರು ತಿಂಗಳ ಖರ್ಚಿಗೆ ಆಗುವಷ್ಟು ಬೇರೆ ಇರಲಿ. ಕ್ರೆಡಿಟ್ ಕಾರ್ಡ್, ಕೈಸಾಲ, ಚಿನ್ನದ ಸಾಲ ಇದ್ದರೆ ಅದು ಮೊದಲು ತೀರಲಿ, ಅದರ ಬಡ್ಡಿ ಸಾಮಾನ್ಯವಾಗಿ ಇದಕ್ಕಿಂತ ಜಾಸ್ತಿ.

ಸಾಲದ ಹೊರಗಿನ ಖರ್ಚು

50 ಲಕ್ಷದ ಮನೆಗೆ 10 ಲಕ್ಷ ಕೈಯಲ್ಲಿದ್ದರೆ ಸಾಲುವುದಿಲ್ಲ. 30 ಲಕ್ಷದಿಂದ 75 ಲಕ್ಷದವರೆಗಿನ ಸಾಲವಾದರೆ ಮನೆಯ ಬೆಲೆಯ ಶೇ 80ರವರೆಗೆ ಮಾತ್ರ ಸಿಗುತ್ತದೆ, ಆ ಬೆಲೆಯಲ್ಲಿ ಮುದ್ರಾಂಕ ಶುಲ್ಕ, ನೋಂದಣಿ ಶುಲ್ಕ ಸೇರುವುದಿಲ್ಲ. ಕರ್ನಾಟಕದಲ್ಲಿ 45 ಲಕ್ಷ ದಾಟಿದ ಆಸ್ತಿಗೆ ಮುದ್ರಾಂಕ ಶೇ 5, ಅದರ ಮೇಲೆ ಸೆಸ್ ಮತ್ತು ಸರ್ಚಾರ್ಜ್ ಸೇರಿ ನಗರದಲ್ಲಿ ಶೇ 5.6. ನೋಂದಣಿ ಶುಲ್ಕ 2025ರ ಆಗಸ್ಟ್ 31ರಿಂದ ಶೇ 1ರ ಬದಲು ಶೇ 2 ಆಗಿದೆ. ಎಲ್ಲ ಸೇರಿ ಶೇ 7.6, ಅಂದರೆ 3.8 ಲಕ್ಷ. ಇದನ್ನು ಕೈಯಿಂದಲೇ ಹಾಕಬೇಕು.

ಸಾಲದ ಜೊತೆ ಒಂದೇ ಪ್ರೀಮಿಯಂನ ವಿಮೆ ಮಾಡಿಸಿ ಅಂತಾರೆ, ದುಡ್ಡು ಇಲ್ಲದಿದ್ದರೆ ಸಾಲಕ್ಕೇ ಸೇರಿಸುತ್ತೇವೆ ಅಂತಲೂ ಅಂತಾರೆ. ಒಂದು ಲಕ್ಷದ ಪ್ರೀಮಿಯಂ ಸಾಲಕ್ಕೆ ಸೇರಿದರೆ 20 ವರ್ಷದಲ್ಲಿ ಅದಕ್ಕೆ 2.08 ಲಕ್ಷ ಕಟ್ಟಿರುತ್ತೀರಿ. ಸಾಲ ಇರುವವರಿಗೆ ಜೀವವಿಮೆ ಬೇಕೇ ಬೇಕು, ಅದರಲ್ಲಿ ನನಗೆ ಅನುಮಾನ ಇಲ್ಲ. ಹೊರಗಡೆ ಟರ್ಮ್ ಪಾಲಿಸಿಯ (ನಿಗದಿತ ಅವಧಿಯ ಬರೀ ಜೀವವಿಮೆ) ಬೆಲೆ ವಿಚಾರಿಸಿ ಆಮೇಲೆ ತೀರ್ಮಾನಿಸಿ. ಎಲ್ಲ ಶುಲ್ಕ ಸೇರಿಸಿದ ವಾರ್ಷಿಕ ದರ ಎಷ್ಟು ಅಂತ ಒಂದೇ ಕಡೆ ಬರೆದ ಮುಖ್ಯಾಂಶ ಪತ್ರವನ್ನು ಈಗ ಸಾಲ ಕೊಡುವವರು ಕೊಡಲೇಬೇಕು. ಜಾಹೀರಾತಿನ ದರ ಬಿಟ್ಟು ಆ ದರವನ್ನು ಹೋಲಿಸಿ.

ಸೈಟಿನಲ್ಲಿ ಮನೆ ಕಟ್ಟಿಸುವವರಿಗೆ ಬ್ಯಾಂಕು ಪಾಯ, ಲಿಂಟೆಲ್, ಮೋಲ್ಡು ಅಂತ ಹಂತ ಹಂತವಾಗಿ ಹಣ ಬಿಡುಗಡೆ ಮಾಡುತ್ತದೆ. ಪೂರ್ತಿ ಹಣ ಬರುವವರೆಗೆ ಕಟ್ಟುವುದು ಸಾಮಾನ್ಯವಾಗಿ ಬರೀ ಬಡ್ಡಿ, ಅದನ್ನು ಪ್ರೀ-ಇಎಂಐ ಅನ್ನುತ್ತಾರೆ. 20 ಲಕ್ಷ ಬಿಡುಗಡೆಯಾಗಿ ಕೆಲಸ ಒಂದು ವರ್ಷ ನಿಂತರೆ 1.7 ಲಕ್ಷ ಬಡ್ಡಿ ಹೋಗುತ್ತದೆ, ಅಸಲು ಒಂದು ರೂಪಾಯಿಯೂ ಇಳಿಯುವುದಿಲ್ಲ.

ಬಾಡಿಗೆ ದಂಡ, ತೆರಿಗೆ ಉಳಿಯುತ್ತೆ ಅನ್ನುವ ಮಾತು

"ಬಾಡಿಗೆ ಕಟ್ಟೋ ದುಡ್ಡಲ್ಲಿ ಇಎಂಐ ಕಟ್ಟಬಹುದಲ್ವಾ" ಅನ್ನುವವರು 34,713 ಪೂರ್ತಿ ಮನೆಗೇ ಸೇರಿತು ಅಂತ ಲೆಕ್ಕ ಹಾಕುತ್ತಾರೆ. ಮೊದಲ ತಿಂಗಳ 28,333 ಬಡ್ಡಿಯೂ ವಾಪಸ್ ಬರದ ದುಡ್ಡೇ. ಅಂಥದ್ದೇ ಮನೆಗೆ ಬಾಡಿಗೆ 15,000 ಇದ್ದರೆ ಹೋಲಿಸಬೇಕಾದ್ದು ಈ ಎರಡನ್ನು. ಅದರ ಮೇಲೆ ಪಾಲಿಕೆಯ ಆಸ್ತಿ ತೆರಿಗೆ, ಪೇಂಟು, ಮೋಟರ್ ರಿಪೇರಿ ಎಲ್ಲ ನಿಮ್ಮದೇ. ಆದರೆ ಬಾಡಿಗೆ ವರ್ಷಕ್ಕೆ ಶೇ 5ರಂತೆ ಏರಿದರೆ 20 ವರ್ಷಕ್ಕೆ 40 ಸಾವಿರ ಮುಟ್ಟುತ್ತದೆ, ಅಷ್ಟರಲ್ಲಿ ಇಎಂಐ ಮುಗಿದಿರುತ್ತದೆ. ಬೆಲೆಗಳೂ ಹಾಗೇ ಏರಿದರೆ ಕೊನೆಯ ಕಂತಿನ 34,713ಕ್ಕೆ ಇವತ್ತಿನ ಲೆಕ್ಕದಲ್ಲಿ 13 ಸಾವಿರದಷ್ಟೇ ಬೆಲೆ. ಹಾಗಾಗಿ "40 ಲಕ್ಷಕ್ಕೆ 83 ಲಕ್ಷ ಕಟ್ಟಿದೆ" ಅಂತ ಹೆದರಿಸುವುದೂ ಪೂರ್ತಿ ನ್ಯಾಯವಲ್ಲ. ಆ 83 ಲಕ್ಷ 20 ವರ್ಷಗಳ ಮೇಲೆ ಹರಡಿದೆ.

ಆದಾಯ ತೆರಿಗೆ ವಿಷಯ ಚಿಕ್ಕದು. ಹಳೆಯ ಪದ್ಧತಿಯಲ್ಲಿ ಸ್ವಂತ ವಾಸದ ಮನೆಯ ಬಡ್ಡಿಗೆ ವರ್ಷಕ್ಕೆ 2 ಲಕ್ಷದವರೆಗೆ ವಿನಾಯಿತಿ, ಹೊಸ ಪದ್ಧತಿಯಲ್ಲಿ ಅದು ಇಲ್ಲ. ಹಳೆಯದರಲ್ಲಿದ್ದರೂ ಶೇ 20ರ ಸ್ಲ್ಯಾಬಿನವರಿಗೆ ಉಳಿಯುವುದು ಸುಮಾರು 40 ಸಾವಿರ, ಅದಕ್ಕಾಗಿ ಮೂರು ಲಕ್ಷದ ಮೇಲೆ ಬಡ್ಡಿ ಕಟ್ಟಿರುತ್ತೀರಿ. ತೆರಿಗೆ ಉಳಿಸಲೆಂದೇ ಸಾಲ ಇಟ್ಟುಕೊಳ್ಳುವುದು ನಷ್ಟದ ವ್ಯವಹಾರ.

ಸಾಲ ಮುಗಿದ ಮೇಲೆ

ಕೊನೆಯ ಕಂತು ಕಟ್ಟಿದ ಮೇಲೂ ಕೆಲಸ ಇದೆ. ಸಾಲ ಪೂರ್ತಿ ತೀರಿದ 30 ದಿನದೊಳಗೆ ಬ್ಯಾಂಕು ಮೂಲ ಕ್ರಯಪತ್ರ ಮತ್ತು ಉಳಿದ ದಾಖಲೆಗಳನ್ನು ವಾಪಸ್ ಕೊಡಬೇಕು. ಬ್ಯಾಂಕಿನ ಕಡೆಯಿಂದ ತಡವಾದರೆ ದಿನಕ್ಕೆ 5,000 ರೂಪಾಯಿ ಪರಿಹಾರ ಅಂತ ರಿಸರ್ವ್ ಬ್ಯಾಂಕ್ ನಿಯಮ ಇದೆ, 2023ರ ಡಿಸೆಂಬರ್ 1ರಿಂದ ಜಾರಿಯಲ್ಲಿದೆ. ಬಾಕಿ ಇಲ್ಲ ಅನ್ನುವ ಪತ್ರ ತೆಗೆದುಕೊಳ್ಳಿ. ಸಬ್‌ರಿಜಿಸ್ಟ್ರಾರ್ ಆಫೀಸಿನಲ್ಲಿ ಅಡಮಾನ ನೋಂದಣಿಯಾಗಿದ್ದರೆ ಅದನ್ನು ತೆಗೆಸಿ, ಸ್ವಲ್ಪ ದಿನ ಬಿಟ್ಟು ನೋಂದಣಿ ಇಲಾಖೆಯ ಕಾವೇರಿ ಪೋರ್ಟಲ್‌ನಲ್ಲಿ ಹೊಸ ಇಸಿ (ಋಣಭಾರ ಪತ್ರ) ತೆಗೆದು ಅದರಲ್ಲಿ ಬ್ಯಾಂಕಿನ ಋಣ ತೀರಿದ್ದು ನಮೂದಾಗಿದೆಯಾ ಅಂತ ನೋಡಿ.