ಮೆಟ್ಟಿಲ ಮೇಲೆ ಪಿಟೀಲು, ಬಚ್ಚಲಲ್ಲಿ ಹಾಡುಗಾರ

ಉತ್ತರ ಲಂಡನ್ನಿನ ಹಾಲೊವೇ ರಸ್ತೆಯಲ್ಲಿ 304ನೇ ನಂಬರಿನ ಕಟ್ಟಡ. ಕೆಳಗೆ ಚರ್ಮದ ಸಾಮಾನಿನ ಅಂಗಡಿ, ಮೇಲೆ ಬಾಡಿಗೆ ಮನೆ. 1960ರ ದಶಕದ ಆರಂಭದಲ್ಲಿ ಆ ಮನೆಯೊಳಗೆ ರೆಕಾರ್ಡಿಂಗ್ ನಡೆಯುವ ದಿನ ಯಾರಾದರೂ ಹೋಗಿದ್ದರೆ ಕಕ್ಕಾಬಿಕ್ಕಿಯಾಗುತ್ತಿದ್ದರು. ಪಿಟೀಲಿನವರು ಮೆಟ್ಟಿಲ ಮೇಲೆ. ಹಾಡುಗಾರ ಬಚ್ಚಲಲ್ಲಿ. ಗಿಟಾರು, ಡ್ರಮ್ಮು ಒಂದು ಕೋಣೆಯಲ್ಲಿ. ಇನ್ನೊಂದು ಸಣ್ಣ ಕೋಣೆಯಲ್ಲಿ ನೆಲದ ತುಂಬ ಟೇಪು, ವೈರು, ಬಿಚ್ಚಿಟ್ಟ ಯಂತ್ರಗಳು. ಅದರ ನಡುವೆ ಸೂಟು, ಟೈ ಹಾಕಿಕೊಂಡು ಒಬ್ಬ ಮನುಷ್ಯ. ಹೆಸರು ಜೋ ಮೀಕ್, ಆ ಮನೆಯಲ್ಲೇ ಹಾಡು ಧ್ವನಿಮುದ್ರಿಸಿ ರೆಕಾರ್ಡು ತಯಾರಿಸುತ್ತಿದ್ದವನು.

ಅದೇ ಕಾಲದಲ್ಲಿ ಅದೇ ಊರಿನ ಅಬಿ ರೋಡ್ ಸ್ಟುಡಿಯೋದಲ್ಲಿ ತಂತ್ರಜ್ಞರು ಬಿಳಿ ಕೋಟು ಹಾಕಿಕೊಂಡು ಕೆಲಸ ಮಾಡುತ್ತಿದ್ದರು. ಮೈಕ್ ಎಷ್ಟು ದೂರ ಇಡಬೇಕು, ಮೀಟರಿನ ಮುಳ್ಳು ಎಲ್ಲಿ ನಿಲ್ಲಬೇಕು, ಎಲ್ಲಕ್ಕೂ ನಿಯಮ ಇತ್ತು. ಮೀಕ್‌ಗೆ ಆ ನಿಯಮಗಳು ಗೊತ್ತಿರಲಿಲ್ಲ ಅಂತಲ್ಲ. ಚೆನ್ನಾಗಿಯೇ ಗೊತ್ತಿದ್ದವು. ಅವನ್ನು ಮುರಿದರೆ ಏನಾಗುತ್ತದೆ ಎಂಬುದೂ ಗೊತ್ತಿತ್ತು.

ರಾಬರ್ಟ್ ಜಾರ್ಜ್ ಮೀಕ್ ಹುಟ್ಟಿದ್ದು 1929ರ ಏಪ್ರಿಲ್ 5ರಂದು, ಗ್ಲಾಸ್ಟರ್‌ಶೈರಿನ ನ್ಯೂಯೆಂಟ್ ಎಂಬ ಸಣ್ಣ ಊರಿನಲ್ಲಿ. ಹುಡುಗನಾಗಿದ್ದಾಗಲೇ ಮನೆಯ ಹಿಂದಿನ ಶೆಡ್ಡಿನಲ್ಲಿ ರೇಡಿಯೋ, ಗ್ರಾಮಫೋನು ಬಿಚ್ಚಿ ಜೋಡಿಸುವ ಹುಚ್ಚು. ಕಡ್ಡಾಯ ಸೈನಿಕ ಸೇವೆಗೆ ವಾಯುಪಡೆಗೆ ಹೋದಾಗ ಸಿಕ್ಕ ಕೆಲಸ ರೇಡಾರ್ ರಿಪೇರಿ. ಆಮೇಲೆ ಮಿಡ್‌ಲ್ಯಾಂಡ್ಸ್ ವಿದ್ಯುತ್ ಮಂಡಳಿಯಲ್ಲಿ ನೌಕರಿ. ಸಂಗೀತ ಕಲಿಯಲೇ ಇಲ್ಲ. ಸ್ವರಲಿಪಿ ಓದಲು ಬರುತ್ತಿರಲಿಲ್ಲ, ಯಾವ ವಾದ್ಯವೂ ನೆಟ್ಟಗೆ ಕೈಗೆ ಬರಲಿಲ್ಲ. ಅವನಿಗೆ ಬರುತ್ತಿದ್ದದ್ದು ಒಂದೇ: ಕ್ಷೀಣವಾದ ಸಿಗ್ನಲ್ಲನ್ನು ಹಿಡಿದು, ಹಿಗ್ಗಿಸಿ, ಬೇಕಾದ ಆಕಾರಕ್ಕೆ ತರುವುದು. ರೇಡಾರಿನವರ ಕೆಲಸವೇ ಅದು. ಅವನ ಕಥೆಯನ್ನು ಸಾಮಾನ್ಯವಾಗಿ ಹುಚ್ಚು ಪ್ರತಿಭೆಯ ಕಥೆಯಾಗಿ ಹೇಳುತ್ತಾರೆ. ನನಗೆ ಅವನು ಮೊದಲು ಕಾಣುವುದು ಎಲೆಕ್ಟ್ರಾನಿಕ್ಸ್ ಮೆಕ್ಯಾನಿಕ್ ಆಗಿ.

1950ರ ದಶಕದ ಮಧ್ಯದಲ್ಲಿ ಲಂಡನ್ನಿಗೆ ಬಂದು ಐಬಿಸಿ ಸ್ಟುಡಿಯೋ ಸೇರಿದ. 1956ರಲ್ಲಿ ಜಾಝ್ ಕಹಳೆಗಾರ ಹಂಫ್ರಿ ಲಿಟಲ್‌ಟನ್ ಅವರ 'ಬ್ಯಾಡ್ ಪೆನ್ನಿ ಬ್ಲೂಸ್' ಧ್ವನಿಮುದ್ರಣ ಅವನ ಪಾಲಿಗೆ ಬಂತು. ಪಿಯಾನೋದ ಎಡಗೈ ಸ್ವರಗಳನ್ನೂ ಡ್ರಮ್ಮಿನ ಮೇಲಿನ ಬ್ರಶ್ ಸದ್ದನ್ನೂ ಮೀಕ್ ಎಷ್ಟು ಮುಂದಕ್ಕೆ ತಂದನೆಂದರೆ ಇಡೀ ಹಾಡು ಅವುಗಳ ಮೇಲೇ ಓಡುತ್ತದೆ. ಹಾಗೆ ಮಾಡಿದ್ದು ಲಿಟಲ್‌ಟನ್‌ಗೆ ಮೊದಲು ಗೊತ್ತೇ ಇರಲಿಲ್ಲ. ಗೊತ್ತಿದ್ದರೆ ಬೇಡ ಎನ್ನುತ್ತಿದ್ದರಂತೆ. ಆದರೆ ರೆಕಾರ್ಡು ಜನಕ್ಕೆ ಹಿಡಿಸಿತು, ಬ್ರಿಟನ್ನಿನ ಮೊದಲ ಇಪ್ಪತ್ತರ ಪಟ್ಟಿಗೇ ಏರಿತು.

ಇಲ್ಲಿ ಮೀಕ್ ಬಳಸಿದ ಉಪಾಯಗಳಲ್ಲಿ ಒಂದು ಕಂಪ್ರೆಸರ್. ಇದು ಒಂದು ರೀತಿಯ ಸ್ವಯಂಚಾಲಿತ ವಾಲ್ಯೂಮ್ ಗುಂಡಿ. ಸದ್ದು ಒಂದು ಮಿತಿ ದಾಟಿದ ಕೂಡಲೇ ಯಂತ್ರ ತಾನೇ ಅದನ್ನು ತಗ್ಗಿಸುತ್ತದೆ. ಉದಾಹರಣೆಗೆ, ಮಿತಿಯ ಮೇಲೆ ಒಳಗೆ ಬರುವ ಸದ್ದು 4 ಡೆಸಿಬೆಲ್ ಏರಿದರೆ ಹೊರಗೆ ಹೋಗುವುದು 1 ಡೆಸಿಬೆಲ್ ಮಾತ್ರ ಏರುವಂತೆ ಇಡಬಹುದು. ಜೋರು ಸದ್ದಿನ ತಲೆ ಮೊಟಕಿದ ಮೇಲೆ ಒಟ್ಟು ಮಟ್ಟವನ್ನು ಮೇಲೆತ್ತಲು ಜಾಗ ಸಿಗುತ್ತದೆ. ಆಗ ಮೆಲ್ಲಗಿನ ಸದ್ದುಗಳೂ ಮುಂದೆ ಬಂದು ನಿಲ್ಲುತ್ತವೆ. ಹಾಡುಗಾರ ಉಸಿರೆಳೆದದ್ದು, ಬ್ರಶ್ ಸವರಿದ್ದು, ತಂತಿ ಬಿಟ್ಟ ಮೇಲಿನ ಗುಂಯ್ ಎನ್ನುವ ನಾದ, ಎಲ್ಲ ಕೇಳಿಸತೊಡಗುತ್ತದೆ.

ಈ ಯಂತ್ರ ಬಂದದ್ದು ರಕ್ಷಣೆಗಾಗಿ. ಸದ್ದು ಮಿತಿ ಮೀರಿದರೆ ರೇಡಿಯೋ ಟ್ರಾನ್ಸ್‌ಮಿಟರಿಗೆ ತೊಂದರೆ, ರೆಕಾರ್ಡಿನ ಗೀರು ಅಂಕುಡೊಂಕಾಗಿ ಮುಳ್ಳು ಹಾರುವ ಭಯ. ಆದ್ದರಿಂದ ಕಂಪ್ರೆಸರ್ ಕೆಲಸ ಮಾಡಿದ್ದು ಯಾರಿಗೂ ಗೊತ್ತಾಗಬಾರದು ಎನ್ನುವುದು ಆಗಿನ ಮರ್ಯಾದೆ. ಮೀಕ್ ಅದನ್ನು ಬೇಕೆಂದೇ ಜಾಸ್ತಿ ಒತ್ತಿದ. ಡ್ರಮ್ಮಿನ ಪ್ರತಿ ಪೆಟ್ಟಿಗೂ ಉಳಿದ ಸದ್ದೆಲ್ಲ ಒಮ್ಮೆ ಕುಗ್ಗಿ, ಮತ್ತೆ ಉಬ್ಬಿ, ಹಾಡು ಏದುಸಿರು ಬಿಟ್ಟಂತೆ ಕೇಳುತ್ತದೆ. ನಮ್ಮ ಕಿವಿಯೊಳಗೂ ಇಂಥದ್ದೊಂದು ಏರ್ಪಾಡಿದೆ. ಸದ್ದು ತೀರಾ ಜೋರಾದರೆ ನಡುಗಿವಿಯ ಪುಟ್ಟ ಸ್ನಾಯು ಬಿಗಿಯಾಗಿ, ಒಳಗೆ ಹೋಗುವ ಕಂಪನವನ್ನು ತಗ್ಗಿಸುತ್ತದೆ. ಕಂಪ್ರೆಸ್ ಮಾಡಿದ ಹಾಡು ಕಡಿಮೆ ವಾಲ್ಯೂಮಿನಲ್ಲೂ ಜೋರಾಗಿದೆ ಅನ್ನಿಸಲು ಇದೂ ಒಂದು ಕಾರಣ ಇರಬಹುದು.

ಮೈಕಿನ ವಿಷಯದಲ್ಲೂ ಅವನದು ಇದೇ ದಾರಿ. ಬಯಲಿನಲ್ಲಿ ದೂರ ಎರಡರಷ್ಟಾದರೆ ಸದ್ದಿನ ತೀವ್ರತೆ ನಾಲ್ಕನೇ ಒಂದು ಭಾಗಕ್ಕೆ ಇಳಿಯುತ್ತದೆ. ಮೈಕನ್ನು ವಾದ್ಯದ ಹತ್ತಿರಕ್ಕೆ ಒಯ್ದಷ್ಟೂ ಆ ವಾದ್ಯವೇ ತುಂಬಿಕೊಳ್ಳುತ್ತದೆ, ಕೋಣೆಯ ಸದ್ದು ಹಿಂದೆ ಸರಿಯುತ್ತದೆ. ಮೀಕ್ ಮೈಕನ್ನು ಡ್ರಮ್ಮಿಗೆ ತಾಗುವಷ್ಟು ಹತ್ತಿರ ಇಟ್ಟ. ಬೇಸ್ ಗಿಟಾರಿಗೆ ಕೆಲವು ಸಲ ಮೈಕೇ ಬೇಡವೆಂದು ವೈರನ್ನು ನೇರ ಯಂತ್ರಕ್ಕೆ ಚುಚ್ಚಿದ. ಹೀಗೆ ಒಂದೊಂದು ವಾದ್ಯವನ್ನೂ ಕೋಣೆಯಿಂದ ಬಿಡಿಸಿ, ಆಮೇಲೆ ತನಗೆ ಬೇಕಾದ ಕೋಣೆಯೊಳಗೆ ಕೂರಿಸುವುದು ಅವನ ಪದ್ಧತಿ.

ಆ ಕೋಣೆ ಎಂದರೆ ಬಚ್ಚಲು. ಟೈಲ್ಸ್ ಹಾಕಿದ ಗೋಡೆ ತನ್ನ ಮೇಲೆ ಬಿದ್ದ ಸದ್ದಿನಲ್ಲಿ ನೂರಕ್ಕೆ ಒಂದೆರಡು ಪಾಲು ಮಾತ್ರ ಹೀರುತ್ತದೆ, ಉಳಿದದ್ದನ್ನು ವಾಪಸು ಕಳಿಸುತ್ತದೆ. ಸದ್ದು ಸೆಕೆಂಡಿಗೆ ಸುಮಾರು 340 ಮೀಟರು ಓಡುವುದರಿಂದ ಸಣ್ಣ ಬಚ್ಚಲಲ್ಲಿ ಅದು ಒಂದು ಸೆಕೆಂಡಿನೊಳಗೆ ನೂರಕ್ಕೂ ಹೆಚ್ಚು ಸಲ ಗೋಡೆಯಿಂದ ಗೋಡೆಗೆ ಬಡಿದಾಡುತ್ತದೆ. ಈ ಪ್ರತಿಫಲನಗಳು ಎಷ್ಟು ಬೇಗ ಬೇಗ ಬರುತ್ತವೆಂದರೆ ಕಿವಿಗೆ ಬಿಡಿಬಿಡಿಯಾಗಿ ಸಿಗುವುದಿಲ್ಲ, ಎಲ್ಲ ಸೇರಿ ಒಂದು ಹೊಳಪಾಗಿ ಕೇಳುತ್ತವೆ. ಬಚ್ಚಲಲ್ಲಿ ಎಲ್ಲರೂ ಗಾಯಕರಾಗುವುದು ಇದರಿಂದಲೇ, ಅಲ್ವಾ? ಇನ್ನೂ ಉದ್ದದ ಗುಂಗು ಬೇಕಾದಾಗ ಮೀಕ್ ಲೋಹದ ಸ್ಪ್ರಿಂಗುಗಳನ್ನು ಬಳಸುತ್ತಿದ್ದ. ಸ್ಪ್ರಿಂಗಿನ ಒಂದು ತುದಿಯಲ್ಲಿ ಸದ್ದನ್ನು ಕಂಪನವಾಗಿ ಬಿಟ್ಟು ಇನ್ನೊಂದು ತುದಿಯಲ್ಲಿ ಹಿಡಿಯುವುದು. ಒಳಗೆ ಅದು ಹಿಂದೆ ಮುಂದೆ ಓಡಾಡಿ ದೊಡ್ಡ ಸಭಾಂಗಣದ ಭ್ರಮೆ ಹುಟ್ಟಿಸುತ್ತದೆ.

ಬಿಡಿಯಾಗಿ ಕೇಳುವ ಎಕೋ ಬೇಕಾದರೆ ಟೇಪೇ ಸಾಕು. ಟೇಪ್ ರೆಕಾರ್ಡರಿನಲ್ಲಿ ಸದ್ದು ಬರೆಯುವ ಹೆಡ್ಡು, ಓದುವ ಹೆಡ್ಡು ಬೇರೆ ಬೇರೆ. ಟೇಪು ಸೆಕೆಂಡಿಗೆ 38 ಸೆಂಟಿಮೀಟರು ಓಡುತ್ತಿದ್ದು ಎರಡು ಹೆಡ್ಡುಗಳ ನಡುವೆ 5 ಸೆಂಟಿಮೀಟರು ಇದ್ದರೆ, ಬರೆದ ಸದ್ದು ಸುಮಾರು 0.13 ಸೆಕೆಂಡು ತಡವಾಗಿ ಮತ್ತೆ ಕೇಳುತ್ತದೆ. ಟೇಪಿನ ವೇಗ ಅರ್ಧ ಮಾಡಿದರೆ ಅಂತರ ಎರಡರಷ್ಟು. 1961ರಲ್ಲಿ ಜಾನ್ ಲೇಟನ್ ಹಾಡಿದ 'ಜಾನಿ ರಿಮೆಂಬರ್ ಮಿ' ಕೇಳಿ ನೋಡಿ. ಸತ್ತ ಪ್ರೇಯಸಿಯ ದನಿ ಬಯಲಿನಾಚೆಯಿಂದ ಕೂಗಿದ ಹಾಗಿದೆ. ಹಾಲೊವೇ ರಸ್ತೆಯ ಆ ಮನೆಯಿಂದ ಹೊರಟ ಆ ಹಾಡು ಬ್ರಿಟನ್ನಿನ ಪಟ್ಟಿಯಲ್ಲಿ ಮೊದಲ ಸ್ಥಾನಕ್ಕೆ ಹೋಯಿತು. ದೊಡ್ಡ ಕಂಪನಿಗಳ ಸ್ಟುಡಿಯೋಗೆ ಕಾಲಿಡದೆ, ಮನೆಯಲ್ಲೇ ಟೇಪು ತಯಾರಿಸಿ ಆ ಕಂಪನಿಗಳಿಗೇ ಕೊಡುವುದು ಆಗಿನ ಇಂಗ್ಲೆಂಡಿನಲ್ಲಿ ಹೊಸದು.

ಒಂದರ ಮೇಲೊಂದು ವಾದ್ಯ ಪೇರಿಸುವ ಕೆಲಸ ಮಾತ್ರ ಅವನೇ ಕಂಡುಹಿಡಿದದ್ದಲ್ಲ. ಅಮೆರಿಕದ ಗಿಟಾರುವಾದಕ ಲೆಸ್ ಪಾಲ್ ಬಹಳ ಮೊದಲೇ ಅದನ್ನು ಮಾಡಿ ತೋರಿಸಿದ್ದರು. ಆದರೆ ಲೆಸ್ ಪಾಲ್ ಬಳಿ 1957ರ ಹೊತ್ತಿಗೆ ಎಂಟು ಟ್ರ್ಯಾಕಿನ, ಎಂದರೆ ಒಂದೇ ಟೇಪಿನ ಮೇಲೆ ಎಂಟು ಸದ್ದುಗಳನ್ನು ಬೇರೆ ಬೇರೆ ಸಾಲಿನಲ್ಲಿ ಬರೆಯುವ, ಯಂತ್ರ ಬಂದಿತ್ತು. ಮೀಕ್ ಒಂದು ಯಂತ್ರದಲ್ಲಿ ಇದ್ದದ್ದನ್ನು ನುಡಿಸುತ್ತ, ಅದಕ್ಕೆ ಹೊಸ ವಾದ್ಯ ಸೇರಿಸುತ್ತ, ಎರಡನ್ನೂ ಇನ್ನೊಂದು ಯಂತ್ರಕ್ಕೆ ಇಳಿಸುತ್ತಿದ್ದ. ಪ್ರತಿ ಇಳಿಸುವಿಕೆಗೂ ಟೇಪಿನ ಸುಸ್ ಎನ್ನುವ ಗದ್ದಲ ಸ್ವಲ್ಪ ಸ್ವಲ್ಪ ಕೂಡುತ್ತ ಹೋಗುತ್ತದೆ. ಅವನ ಹಾಡುಗಳ ಮಬ್ಬಿಗೆ ಇದೂ ಒಂದು ಕಾರಣ. ಕೊನೆಗೆ ಟೇಪನ್ನು ತುಸು ವೇಗ ಮಾಡುವ ಅಭ್ಯಾಸವೂ ಇತ್ತು. ವೇಗ ನೂರಕ್ಕೆ ಆರರಷ್ಟು ಹೆಚ್ಚಿದರೆ ಶ್ರುತಿ ಹೆಚ್ಚುಕಡಿಮೆ ಅರ್ಧ ಸ್ವರ ಏರುತ್ತದೆ. ಹಾಡು ಚುರುಕಾಗುತ್ತದೆ, ದನಿ ಎಳೆಯದಾಗುತ್ತದೆ.

1962ರ ಜುಲೈ 10ರಂದು ಅಮೆರಿಕದ ಕೇಪ್ ಕೆನಾವರಲ್‌ನಿಂದ ಟೆಲ್‌ಸ್ಟಾರ್ ಉಪಗ್ರಹ ಹಾರಿತು. ಸುಮಾರು 77 ಕಿಲೋ ತೂಕದ, ಮೈಮೇಲೆ 3,600 ಸೌರಕೋಶಗಳನ್ನು ಅಂಟಿಸಿಕೊಂಡ ಗೋಲ. ನೆಲದಿಂದ ಬಂದ ಅತಿ ಕ್ಷೀಣವಾದ ಮೈಕ್ರೋವೇವ್ ಸಿಗ್ನಲ್ಲನ್ನು ಹಿಡಿದು, ಸಾವಿರ ಕೋಟಿ ಪಟ್ಟು ಹಿಗ್ಗಿಸಿ, ಮತ್ತೆ ನೆಲಕ್ಕೆ ಕಳಿಸುವುದು ಅದರ ಕೆಲಸ. ಅದು ಭೂಮಿಯನ್ನು ಎರಡೂವರೆ ಗಂಟೆಗೊಮ್ಮೆ ಸುತ್ತುತ್ತಿತ್ತು. ಹಾಗಾಗಿ ಅಟ್ಲಾಂಟಿಕ್‌ನ ಎರಡೂ ದಡಕ್ಕೆ ಒಟ್ಟಿಗೆ ಕಾಣುತ್ತಿದ್ದದ್ದು ಒಂದು ಸುತ್ತಿನಲ್ಲಿ ಇಪ್ಪತ್ತು ನಿಮಿಷದಷ್ಟು. ಅಷ್ಟರಲ್ಲೇ ಟಿವಿ ಚಿತ್ರ ಮೊದಲ ಸಲ ಉಪಗ್ರಹದ ಮೂಲಕ ಸಾಗರ ದಾಟಿತು. ಇಂಗ್ಲೆಂಡಿನಲ್ಲಿ ಅದನ್ನು ಹಿಡಿದದ್ದು ಕಾರ್ನ್‌ವಾಲ್‌ನ ಗೂನ್‌ಹಿಲಿ ಕೇಂದ್ರದ ದೈತ್ಯ ಆಂಟೆನಾ. ಹಳೆಯ ರೇಡಾರ್ ಮೆಕ್ಯಾನಿಕ್ ಒಬ್ಬನಿಗೆ ಇದನ್ನು ಟಿವಿಯಲ್ಲಿ ನೋಡಿ ಮೈ ಜುಮ್ಮೆನ್ನದೆ ಇರುತ್ತದೆಯೇ? ಬಾಹ್ಯಾಕಾಶದ ಗೀಳು ಅವನಿಗೆ ಮೊದಲಿನಿಂದಲೇ ಇತ್ತು. 1960ರಲ್ಲಿ ಚಂದ್ರನ ಮೇಲಿನ ಬದುಕನ್ನು ಕಲ್ಪಿಸಿ ಇಡೀ ಒಂದು ಆಲ್ಬಂ ಮಾಡಿದ್ದ. ಸ್ಟ್ರಾ ಹಾಕಿ ನೀರಲ್ಲಿ ಗುಳ್ಳೆ ಊದಿದ ಸದ್ದು, ಹಾಲಿನ ಬಾಟಲಿ ತಟ್ಟಿದ ಸದ್ದು, ಎಲ್ಲ ಅದರಲ್ಲಿ ಸಂಗೀತವಾಗಿದ್ದವು. ಆಗ ಅದರಲ್ಲಿ ಸ್ವಲ್ಪವೇ ಹೊರಬಂತು. ಪೂರ್ತಿ ಆಲ್ಬಂ ಜನರ ಕೈಗೆ ಸಿಕ್ಕಿದ್ದು 1991ರಲ್ಲಿ.

ಉಪಗ್ರಹದ ಹೆಸರನ್ನೇ ಇಟ್ಟು ಮೀಕ್ ಒಂದು ರಾಗ ಕಟ್ಟಿದ. ಕಟ್ಟುವುದೆಂದರೆ ಯಾವುದೋ ಹಾಡಿನ ಟೇಪು ಹಾಕಿ ಅದರ ಮೇಲೆ ಲಾ ಲಾ ಎಂದು ಗುನುಗಿ, ಅದನ್ನು ವಾದಕರಿಗೆ ಕೇಳಿಸುವುದು. ಅವರು ಅದರಲ್ಲಿ ಸ್ವರ ಹುಡುಕಿಕೊಳ್ಳಬೇಕು, ಪಾಪ. ಟಾರ್ನೇಡೋಸ್ ತಂಡ ಗಿಟಾರು, ಬೇಸು, ಡ್ರಮ್ಮು ನುಡಿಸಿಕೊಟ್ಟು ಹೋಯಿತು. ಆಮೇಲೆ ಗೆಳೆಯ ಜೆಫ್ ಗಾಡರ್ಡ್ ಬಂದು ಮುಖ್ಯ ರಾಗವನ್ನು ಕ್ಲಾವಿಯೋಲಿನ್‌ನಲ್ಲಿ ನುಡಿಸಿದ.

ಕ್ಲಾವಿಯೋಲಿನ್ 1947ರಲ್ಲಿ ಫ್ರಾನ್ಸಿನ ಕಾನ್‌ಸ್ಟಾಂ ಮಾರ್ಟಾಂ ರೂಪಿಸಿದ ಕೀಬೋರ್ಡು, ಹಳೆಯ ರೇಡಿಯೋಗಳಂತೆ ವಾಲ್ವ್ ಎಂಬ ಗಾಜಿನ ಕೊಳವೆಗಳಿಂದ ನಡೆಯುವಂಥದ್ದು. ಒಮ್ಮೆಗೆ ಒಂದೇ ಸ್ವರ. ಒಳಗಿನ ಆಸಿಲೇಟರ್ ಹುಟ್ಟಿಸುವ ಸದ್ದಿನಲ್ಲಿ ಮೂಲ ಸ್ವರದ ಜೊತೆ ಅದರ ದುಪ್ಪಟ್ಟು, ಮೂರುಪಟ್ಟು, ನಾಲ್ಕುಪಟ್ಟು ಆವರ್ತನಗಳು ತುಂಬಿರುತ್ತವೆ. ಬೇಡದ್ದನ್ನು ಫಿಲ್ಟರಿನಲ್ಲಿ ಸೋಸಿದರೆ ಪಿಟೀಲಿನಂತೆಯೋ ಕೊಳಲಿನಂತೆಯೋ ಒಂದು ದನಿ. ಈ ವಾದ್ಯವನ್ನು ನಮ್ಮಲ್ಲಿ ಬಹುತೇಕ ಎಲ್ಲರೂ ಕೇಳಿದ್ದಾರೆ, ಗೊತ್ತಿಲ್ಲದೆ. 1954ರ ಹಿಂದಿ ಚಿತ್ರ 'ನಾಗಿನ್'ನಲ್ಲಿ ಹೆಡೆ ಆಡಿಸುವ ಆ ಪುಂಗಿಯ ನಾದ ನಿಜವಾದ ಪುಂಗಿಯದಲ್ಲ. ಮುಂದೆ ಕಲ್ಯಾಣ್‌ಜಿ–ಆನಂದ್‌ಜಿ ಜೋಡಿಯಿಂದ ಹೆಸರಾದ ಕಲ್ಯಾಣ್‌ಜಿ ಅದನ್ನು ಕ್ಲಾವಿಯೋಲಿನ್‌ನಲ್ಲಿ ನುಡಿಸಿದ್ದರು. ಮುಂಬೈಯಲ್ಲಿ ಹಾವಾಡಿಗನಾದ ಯಂತ್ರವೇ ಎಂಟು ವರ್ಷದ ನಂತರ ಲಂಡನ್ನಿನಲ್ಲಿ ಉಪಗ್ರಹವಾಯಿತು.

'ಟೆಲ್‌ಸ್ಟಾರ್' 1962ರ ಆಗಸ್ಟಿನಲ್ಲಿ ಬಿಡುಗಡೆಯಾಗಿ ಬ್ರಿಟನ್ನಿನಲ್ಲಿ ಮೊದಲ ಸ್ಥಾನಕ್ಕೇರಿತು. ಡಿಸೆಂಬರಿನಲ್ಲಿ ಅಮೆರಿಕದಲ್ಲೂ. ಅಮೆರಿಕದ ಹಾಟ್ 100 ಪಟ್ಟಿಯ ತುದಿಗೆ ಹೋದ ಮೊದಲ ಬ್ರಿಟಿಷ್ ತಂಡ ಟಾರ್ನೇಡೋಸ್. ಬೀಟಲ್ಸ್ ಅಲ್ಲಿಗೆ ತಲುಪಿದ್ದು ಒಂದು ವರ್ಷಕ್ಕೂ ಹೆಚ್ಚು ತಡವಾಗಿ.

ತಮಾಷೆ ಎಂದರೆ, ಹಾಡು ಅಮೆರಿಕದಲ್ಲಿ ಮೊದಲ ಸ್ಥಾನಕ್ಕೆ ಬಂದ ವಾರ ಉಪಗ್ರಹ ಮೂಕವಾಗಿತ್ತು. ಅದು ಹಾರುವ ಹಿಂದಿನ ದಿನ, ಜುಲೈ 9ರಂದು, ಅಮೆರಿಕ ಪೆಸಿಫಿಕ್ ಸಾಗರದ ಮೇಲೆ ಸುಮಾರು 400 ಕಿಲೋಮೀಟರು ಎತ್ತರದಲ್ಲಿ ಸ್ಟಾರ್‌ಫಿಶ್ ಪ್ರೈಮ್ ಎಂಬ ಪರಮಾಣು ಬಾಂಬ್ ಸಿಡಿಸಿತ್ತು. ಅದರಿಂದ ಚಿಮ್ಮಿದ ಎಲೆಕ್ಟ್ರಾನುಗಳು ಭೂಮಿಯ ಕಾಂತಕ್ಷೇತ್ರದಲ್ಲಿ ಸಿಕ್ಕಿಕೊಂಡು ಸುತ್ತತೊಡಗಿದವು. ಟೆಲ್‌ಸ್ಟಾರ್ ಪ್ರತಿ ಸುತ್ತಿನಲ್ಲೂ ಆ ವಿಕಿರಣದ ನಡುವೆ ಹಾಯಬೇಕಿತ್ತು. ನೆಲದಿಂದ ಬಂದ ಆಜ್ಞೆ ಓದುವ ಟ್ರಾನ್ಸಿಸ್ಟರುಗಳು ನವೆಂಬರಿನಲ್ಲಿ ಕೈಕೊಟ್ಟವು. ಎಂಜಿನಿಯರುಗಳು ಉಪಾಯ ಮಾಡಿ ಜನವರಿಯಲ್ಲಿ ಅದನ್ನು ಎಬ್ಬಿಸಿದರು. 1963ರ ಫೆಬ್ರವರಿಯಲ್ಲಿ ಮತ್ತೆ ಸುಮ್ಮನಾದದ್ದು ಮತ್ತೆ ಮಾತಾಡಲಿಲ್ಲ.

ಹಾಡಿನ ಹಣವೂ ಮೀಕ್‌ನ ಕೈಗೆ ಬರಲಿಲ್ಲ. ರಾಗ ತನ್ನದೆಂದು ಫ್ರಾನ್ಸಿನ ಸಂಗೀತಗಾರ ಜಾಂ ಲೆದ್ರು ಕೇಸು ಹಾಕಿದರು, ರಾಯಲ್ಟಿ ತಡೆಹಿಡಿಯಲಾಯಿತು. 1963ರಲ್ಲಿ ಮೀಕ್ ಬಂಧನಕ್ಕೊಳಗಾಗಿ ದಂಡ ಕಟ್ಟಿದ. ಸಲಿಂಗಕಾಮ ಆಗ ಇಂಗ್ಲೆಂಡಿನಲ್ಲಿ ಅಪರಾಧ. ಪತ್ರಿಕೆಯಲ್ಲಿ ಹೆಸರು ಬಂತು, ಬ್ಲ್ಯಾಕ್‌ಮೇಲ್ ಮಾಡುವವರು ಹುಟ್ಟಿಕೊಂಡರು. ಮಾತ್ರೆಗಳ ಚಟ ಸೇರಿಕೊಂಡಿತು. ತನ್ನ ಸದ್ದನ್ನು ಕದಿಯಲು ಗೋಡೆಯೊಳಗೆ ಮೈಕ್ ಇಟ್ಟಿದ್ದಾರೆ ಎಂಬ ಸಂಶಯ ಕಾಡತೊಡಗಿತು. ಆದರೂ 1964ರಲ್ಲಿ ಹನಿಕೋಂಬ್ಸ್ ತಂಡದ 'ಹ್ಯಾವ್ ಐ ದ ರೈಟ್' ಹಾಡಿಗೆ ತಂಡದವರನ್ನೇ ಮೆಟ್ಟಿಲ ಮೇಲೆ ಕುಟ್ಟಿ ಕುಣಿಸಿ, ಮೆಟ್ಟಿಲ ಕಟಕಟೆಗೆ ಸೈಕಲ್ ಕ್ಲಿಪ್ಪಿನಲ್ಲಿ ಮೈಕ್ ಸಿಕ್ಕಿಸಿ ಮತ್ತೊಮ್ಮೆ ಮೊದಲ ಸ್ಥಾನ ಗಿಟ್ಟಿಸಿದ. ಅದೇ ಕೊನೆಯದು. ಜನರ ಕಿವಿ ಬೀಟಲ್ಸ್ ಕಡೆ ತಿರುಗಿತ್ತು, ಸಾಲ ಬೆಳೆದಿತ್ತು.

1967ರ ಫೆಬ್ರವರಿ 3ರಂದು ಮೀಕ್ ಮನೆಯೊಡತಿಯನ್ನು ಬಂದೂಕಿನಿಂದ ಕೊಂದು ತಾನೂ ಸತ್ತ. ಅವನ ಬಗ್ಗೆ ಬರೆಯುವವರಲ್ಲಿ ಕೆಲವರು ಇದನ್ನು ಪ್ರತಿಭೆಯ ದುರಂತ ಎಂದು ಬಣ್ಣ ಹಚ್ಚಿ ಹೇಳುತ್ತಾರೆ. ಅದು ನನಗೆ ಒಪ್ಪಿಗೆಯಿಲ್ಲ. ಸತ್ತ ಆ ಹೆಂಗಸಿಗೆ ಇದರಲ್ಲಿ ಯಾವ ಪಾಲೂ ಇರಲಿಲ್ಲ. ಅದೇ ವರ್ಷದ ಜುಲೈಯಲ್ಲಿ ಸಲಿಂಗಕಾಮದ ಕಾನೂನು ಸಡಿಲವಾಯಿತು. ಲೆದ್ರು ಹಾಕಿದ್ದ ಕೇಸು ಕೂಡ ಮೀಕ್ ಸತ್ತ ಮೇಲೆ ಅವನ ಪರವಾಗಿಯೇ ತೀರ್ಮಾನವಾಯಿತು.

ಮನೆಯಲ್ಲಿ ಉಳಿದಿದ್ದ ಟೇಪುಗಳನ್ನು 67 ಟೀ ಪೆಟ್ಟಿಗೆಗಳಲ್ಲಿ ತುಂಬಿ 300 ಪೌಂಡಿಗೆ ಮಾರಿದರು. ಕೊಂಡವರು ಮುಂದೆ ಆರೆಂಜ್ ಗಿಟಾರ್ ಆಂಪ್ಲಿಫೈಯರ್ ಕಂಪನಿ ಕಟ್ಟಿದ ಕ್ಲಿಫ್ ಕೂಪರ್. 2020ರಲ್ಲಿ ಅವು ಚೆರ್ರಿ ರೆಡ್ ಎಂಬ ರೆಕಾರ್ಡ್ ಕಂಪನಿಯ ಪಾಲಾದವು. ಈಗ ಒಂದೊಂದಾಗಿ ಹೊರಬರುತ್ತಿವೆ. ಮೀಕ್‌ನ ಹಾಡುಗಳಿಗೆ ಹಿಂದಿನಿಂದ ದನಿಗೂಡಿಸುತ್ತಿದ್ದ ಟೆಡ್ ಫ್ಲೆಚರ್ ಮುಂದೆ ಎಲೆಕ್ಟ್ರಾನಿಕ್ಸ್ ಎಂಜಿನಿಯರ್ ಆದರು. 1990ರ ದಶಕದಲ್ಲಿ ಅವರು ಹಸಿರು ಬಣ್ಣದ ಕಂಪ್ರೆಸರ್ ಒಂದನ್ನು ಮಾರುಕಟ್ಟೆಗೆ ತಂದರು. ಸದ್ದನ್ನು ಕದ್ದುಮುಚ್ಚಿ ಹಿಡಿಯದೆ, ಎಲ್ಲರಿಗೂ ಕೇಳುವ ಹಾಗೆ ಹಿಂಡುವುದೇ ಅದರ ಗುಣ. ಅದಕ್ಕೆ ಇಟ್ಟ ಹೆಸರು ಜೋಮೀಕ್.