ಕಾರ್ಗಿಲ್, ಸಿಯಾಚಿನ್ ನೋಟ್ಸ್: ಆ ಶಿಖರದಲ್ಲಿ ನಿಂತ್ರೆ ಕೆಳಗೆ ಏನು ಕಾಣುತ್ತೆ?

ಪರೀಕ್ಷೆಗೆ ಈ ಟಾಪಿಕ್ ಓದೋರಿಗೆಲ್ಲಾ ತಲೆನೋವು ಅಂದ್ರೆ ಹೆಸರುಗಳು. ಝೋಜಿ ಲಾ (ಲಾ ಅಂದ್ರೆ ಪಾಸ್, ಬೆಟ್ಟ ದಾಟೋ ದಾರಿ), ಹಾಜಿ ಪೀರ್, ಪಾಯಿಂಟ್ 13620, ತೊಲೊಲಿಂಗ್, ಬಿಲಾಫಾಂಡ್ ಲಾ... ಇಸವಿ ಜೊತೆ ಸೇರಿಸಿ ಉರು ಹೊಡೆದ್ರೆ ನಾಲ್ಕು ದಿನ ನಿಲ್ಲುತ್ತೆ, ಆಮೇಲೆ ಎಲ್ಲಾ ಕಲಸುಮೇಲೋಗರ. ನಂಗೆ ಕೆಲಸಕ್ಕೆ ಬಂದಿದ್ದು ಒಂದೇ ಪ್ರಶ್ನೆ. ಯಾವ ಶಿಖರದ ಹೆಸರು ಬಂದ್ರೂ ಮೊದಲು ಕೇಳ್ಕೊಳೋದು: ಅಲ್ಲಿ ನಿಂತ್ರೆ ಕೆಳಗೆ ಏನು ಕಾಣುತ್ತೆ? ರೋಡಾ, ಊರಾ, ಪಾಸಾ, ಎದುರಾಳಿಯ ಪೋಸ್ಟಾ? ಉತ್ತರ ಸಿಕ್ತು ಅಂದ್ರೆ ಆ ಬೆಟ್ಟಕ್ಕೋಸ್ಕರ ಯಾಕೆ ಅಷ್ಟು ಜನ ಪ್ರಾಣ ಕೊಟ್ರು ಅನ್ನೋದು ತಾನಾಗೇ ಬರುತ್ತೆ, ಇಸವಿನೂ ಮರೆಯಲ್ಲ.

ಗೆರೆಗಳು (ಬೇಗ ಮುಗಿಸ್ತೀನಿ)

1949 ಜುಲೈ, ಭಾರತ–ಪಾಕಿಸ್ತಾನದ ಕರಾಚಿ ಒಪ್ಪಂದ, ಅಲ್ಲಿ ಬಂದಿದ್ದು ಕದನವಿರಾಮ ರೇಖೆ. 1971ರ ಯುದ್ಧ ಆಗಿ 1972ರಲ್ಲಿ ಸಿಮ್ಲಾ ಒಪ್ಪಂದ, ಅದೇ ವರ್ಷ ಡಿಸೆಂಬರಲ್ಲಿ ಮ್ಯಾಪ್ ಮೇಲೆ ಎಳೆದಿದ್ದು ಎಲ್‌ಒಸಿ (ನಿಯಂತ್ರಣ ರೇಖೆ). ಚೀನಾ ಕಡೆ ಇರೋದು ಎಲ್‌ಎಸಿ (ವಾಸ್ತವ ನಿಯಂತ್ರಣ ರೇಖೆ), ಅದು ಬೇರೆ ಕಥೆ. ಸಿಯಾಚಿನ್ ಹತ್ರ ಇರೋದು ಎಜಿಪಿಎಲ್ (ಆಕ್ಚುವಲ್ ಗ್ರೌಂಡ್ ಪೊಸಿಷನ್ ಲೈನ್), ಸುಮಾರು 110 ಕಿ.ಮೀ., ಯಾರೂ ಮೇಜಿನ ಮುಂದೆ ಕೂತು ಎಳೆದ ಗೆರೆ ಅಲ್ಲ, ಸೈನಿಕರು ಎಲ್ಲೆಲ್ಲಿ ನಿಂತಿದ್ದಾರೋ ಅಲ್ಲೇ ಅದು. ಈ ನಾಲ್ಕನ್ನ ಅದಲು ಬದಲು ಮಾಡಿ ಬರೆದ್ರೆ ಉತ್ತರ ಪೂರ್ತಿ ಹಾಳು, ಅಷ್ಟು ಗೊತ್ತಿದ್ರೆ ಸಾಕು.

1948, ಝೋಜಿ ಲಾ

ಶ್ರೀನಗರದಿಂದ ಲೇಹ್‌ಗೆ ಹೋಗೋ ದಾರಿಯ ಬಾಗಿಲೇ ಇದು, ಎತ್ತರ ಸುಮಾರು 11,500 ಅಡಿ. ಪಾಕಿಸ್ತಾನದ ಕಡೆಯವರು ಅಕ್ಕಪಕ್ಕದ ಬಂಡೆ ಮೇಲೆ ಕೂತಿದ್ರು, ಕೆಳಗಿಂದ ಹೋದ ಕಾಲಾಳು ಪಡೆಗೆ ಸೆಪ್ಟೆಂಬರಲ್ಲಿ ಭೇದಿಸೋಕಾಗ್ಲಿಲ್ಲ. ಆಗ ನಮ್ಮ ಕೊಡಗಿನ ಮೇಜರ್ ಜನರಲ್ ತಿಮ್ಮಯ್ಯ ಅಲ್ಲಿಗೆ ಟ್ಯಾಂಕ್ ಹತ್ತಿಸೋ ಪ್ಲಾನ್ ಮಾಡಿದ್ರು. 7ನೇ ಲೈಟ್ ಕ್ಯಾವಲ್ರಿಯ ಸ್ಟುವರ್ಟ್ ಟ್ಯಾಂಕ್‌ಗಳ ಮೇಲಿನ ಗೋಪುರ ಬಿಚ್ಚಿ, ಗೊತ್ತಾಗದ ಹಾಗೆ ಮುಚ್ಚಿ ತಂದ್ರು, ಬಾಲ್ತಾಲ್‌ನಿಂದ ಮೇಲಕ್ಕೆ ಹೇಸರಗತ್ತೆ ಹೋಗೋ ದಾರೀನ ಮದ್ರಾಸ್ ಸ್ಯಾಪರ್ಸ್‌ನವರು (ಸೇನೆಯ ಇಂಜಿನಿಯರ್‌ಗಳು) ಅಗಲ ಮಾಡಿದ್ರು, ನವೆಂಬರ್ 1ಕ್ಕೆ ದಾಳಿ. ಅಷ್ಟು ಎತ್ತರದಲ್ಲಿ ಟ್ಯಾಂಕ್ ಬರುತ್ತೆ ಅಂತ ಎದುರಿಗಿದ್ದೋರು ಕನಸಲ್ಲೂ ಎಣಿಸಿರ್ಲಿಲ್ಲ. ನವೆಂಬರ್ ಮುಗಿಯೋದ್ರೊಳಗೆ ದ್ರಾಸ್, ಕಾರ್ಗಿಲ್ ವಾಪಸ್ ಬಂತು. ಟ್ಯಾಂಕಿನ ಸಾಹಸವನ್ನ ಎಲ್ರೂ ಬರೀತಾರೆ, ದಾರಿ ಕಡಿದೋರನ್ನ ಬಿಡ್ತಾರೆ, ನನ್ನ ಲೆಕ್ಕದಲ್ಲಿ ಮುಕ್ಕಾಲು ಯುದ್ಧ ಗೆದ್ದಿದ್ದು ಅವರೇ.

ಪಾಯಿಂಟ್ 13620

ಇದು ಕಾರ್ಗಿಲ್ ಪಟ್ಟಣದ ಮೇಲಿರೋ ಶಿಖರ, ಕೆಳಗೆ ಕಾಣೋದು ಶ್ರೀನಗರ–ಲೇಹ್ ರೋಡು. 1965ರ ಮೇನಲ್ಲಿ ನಮ್ಮವರು ಹಿಡಿದ್ರು, ಬಿಟ್ಟುಕೊಟ್ರು. ಆಗಸ್ಟಲ್ಲಿ ಮತ್ತೆ ಹಿಡಿದ್ರು, ತಾಷ್ಕೆಂಟ್ ಒಪ್ಪಂದ ಆದ್ಮೇಲೆ ಮತ್ತೆ ಬಿಟ್ಟುಕೊಟ್ರು. 1971 ಡಿಸೆಂಬರಲ್ಲಿ ಮೂರನೇ ಸಲ ಹಿಡಿದಿದ್ದು ಉಳಿಸ್ಕೊಂಡ್ರು. ಹಾಜಿ ಪೀರ್ ಪಾಸ್‌ಗೆ ಈ ಭಾಗ್ಯ ಇರ್ಲಿಲ್ಲ, 1965 ಆಗಸ್ಟ್ 28ಕ್ಕೆ ಹಿಡಿದಿದ್ದು ತಾಷ್ಕೆಂಟಲ್ಲಿ ಹೋಗಿದ್ದು ಹೋಗೇ ಹೋಯ್ತು.

ಒಂದು ಸಣ್ಣ ಟಿಪ್: 13620 ಅನ್ನೋದು ಎತ್ತರ, ಆದ್ರೆ ಅಡಿಯಲ್ಲಿ. ಕಾರ್ಗಿಲ್ ಯುದ್ಧದ 4590, 4875, 5140 ಎಲ್ಲಾ ಮೀಟರಲ್ಲಿ. ಐದಂಕಿ ಇದ್ರೆ ಹಳೇ ಮ್ಯಾಪಿನ ಅಡಿ, ನಾಲ್ಕಂಕಿ ಇದ್ರೆ ಮೀಟರ್. 13620 ಅಡಿ ಅಂದ್ರೆ ಬರೀ 4150 ಮೀಟರ್ ಚಿಲ್ರೆ, ಅಂದ್ರೆ 5140ಕ್ಕಿಂತ ತುಂಬಾ ಕೆಳಗೆ.

1999: ಬೆಟ್ಟದ ಮೇಲೆ ಕೂತೋನು ರೋಡ್ ಹೇಗೆ ನಿಲ್ಲಿಸ್ತಾನೆ?

ನಾನು ಸಿಕ್ಕಾಕಿಕೊಂಡಿದ್ದು ಇಲ್ಲೇ, ಹಾಗಾಗಿ ಉದ್ದ ಆಗುತ್ತೆ. 1999ರ ಕಾರ್ಗಿಲ್ ಯುದ್ಧದಲ್ಲಿ ಪಾಕಿಸ್ತಾನದವರು ಎಲ್‌ಒಸಿ ದಾಟಿ ಬಂದು ಈ ಶಿಖರಗಳ ಮೇಲೆ ಕೂತಿದ್ರು. ಪುಸ್ತಕದಲ್ಲಿ "ತೊಲೊಲಿಂಗ್ ಮೇಲಿಂದ ಹೆದ್ದಾರಿಯ ಮೇಲೆ ಹಿಡಿತ" ಅಂತ ಒಂದು ವಾಕ್ಯ ಬರೆದು ಮುಂದೆ ಹೋಗ್ಬಿಡ್ತಾರೆ. ಹಿಡಿತ ಅಂದ್ರೆ ಏನ್ರೀ? ದ್ರಾಸ್ ಇರೋದು 3,300 ಮೀಟರ್ ಹತ್ರ, ತೊಲೊಲಿಂಗ್ ಮೇಲಿನ ಪಾಯಿಂಟ್ 4590, ಅಂದ್ರೆ ನೆಟ್ಟಗೆ ಲೆಕ್ಕ ಹಾಕಿದ್ರೂ ಒಂದೂಕಾಲು ಕಿ.ಮೀ. ಮೇಲೆ, ರೋಡ್ ಅದಕ್ಕಿಂತಲೂ ದೂರ. ಅಲ್ಲಿಂದ ರೈಫಲ್ ಹಿಡಿದು ಲಾರಿಗೆ ಗುರಿ ಇಡೋಕಾಗುತ್ತಾ? ಆಗಲ್ಲ.

ನಡೆಯೋದು ಹೀಗೆ. ಫಿರಂಗಿ ಇರೋದು ಶಿಖರದ ಮೇಲಲ್ಲ, ಎಷ್ಟೋ ಕಿ.ಮೀ. ಹಿಂದೆ, ಎಲ್‌ಒಸಿ ಆಚೆ ಒಂದು ಕಣಿವೆ ಒಳಗೆ. ಫಿರಂಗಿ ಹತ್ರ ಇರೋನಿಗೆ ರೋಡ್ ಕಾಣಲ್ಲ, ಮಧ್ಯ ಬೆಟ್ಟ ಅಡ್ಡ ಇದೆ. ಶಿಖರದ ಮೇಲೆ ಇರೋನು ಒಬ್ಬ ವೀಕ್ಷಕ, ಕೈಲಿ ದುರ್ಬೀನು, ಮ್ಯಾಪು, ರೇಡಿಯೊ. ಅವನು ಜಾಗದ ನಂಬರ್ ಹೇಳ್ತಾನೆ, ಹಿಂದಿನಿಂದ ಒಂದು ಶೆಲ್ ಬರುತ್ತೆ, ಎಲ್ಲಿ ಬಿತ್ತು ನೋಡಿ ಇಷ್ಟು ಎಡಕ್ಕೆ, ಇಷ್ಟು ಮುಂದಕ್ಕೆ ಅಂತ ತಿದ್ದುತ್ತಾನೆ, ಮತ್ತೊಂದು ಬರುತ್ತೆ, ಸರಿಯಾಗಿ ಕೂತ್ಕೊಂಡ್ರೆ ಆಮೇಲೆ ಎಲ್ಲಾ ಫಿರಂಗಿಗಳೂ ಒಟ್ಟಿಗೆ. ಇನ್ನೊಂದು ವಿಷ್ಯ, ರೋಡ್ ಓಡಿ ಹೋಗಲ್ಲ, ಅದರ ತಿರುವುಗಳನ್ನ ಒಂದ್ಸಲ ಅಳತೆ ಮಾಡಿಟ್ರೆ ಮುಗೀತು, ಕಾನ್ವಾಯ್ ಆ ತಿರುವಿಗೆ ಬಂದಾಗ ರೇಡಿಯೊದಲ್ಲಿ ಒಂದು ಮಾತು ಸಾಕು. ಹಾಗಾಗಿ "ಹಿಡಿತ" ಅಂದ್ರೆ ನೋಟ. ಕೋವಿಗಿಂತ ಕಣ್ಣು ಮುಖ್ಯ. ಬೆರಳೆಣಿಕೆ ಜನ ಮೇಲೆ ಕೂತು ಇಡೀ ಹೆದ್ದಾರಿ ನಿಲ್ಲಿಸ್ಬಹುದು ಅನ್ನೋದಕ್ಕೆ ಕಾರಣ ಇದೇ.

ರೋಡ್ ನಿಂತ್ರೆ ಏನಾಯ್ತು, ಬೇರೆ ದಾರಿ ಇಲ್ವಾ ಅಂತ ಕೇಳ್ಬಹುದು. ಮನಾಲಿ ಕಡೆಯಿಂದ ಇದೆ, ಆದ್ರೆ ಅಲ್ಲಿನ ಪಾಸ್‌ಗಳು ಝೋಜಿ ಲಾಗಿಂತ ತುಂಬಾ ಎತ್ತರ. ಚಳಿಗಾಲದಲ್ಲಿ ಎರಡೂ ಹಿಮದಡಿ ಮುಚ್ಚಿ ಹೋಗ್ತಿದ್ವು, ಹಾಗಾಗಿ ಲಡಾಖ್ ಮತ್ತು ಸಿಯಾಚಿನ್‌ನಲ್ಲಿರೋ ಸೈನಿಕರ ವರ್ಷದ ರೇಷನ್ನು, ಸೀಮೆಎಣ್ಣೆ, ಮದ್ದುಗುಂಡು ಎಲ್ಲಾ ಬೇಸಿಗೆಯ ಆ ನಾಲ್ಕೈದು ತಿಂಗಳಲ್ಲೇ ಹತ್ತಬೇಕಿತ್ತು. ಮೇ–ಜೂನಲ್ಲಿ ರೋಡಿಗೆ ಶೆಲ್ ಬಿದ್ರೆ ಪೆಟ್ಟು ಬೀಳೋದು ಜನವರಿಯ ಸಿಯಾಚಿನ್‌ಗೆ. ಕಾರ್ಗಿಲ್ಲೂ ಸಿಯಾಚಿನ್ನೂ ಒಂದೇ ಉತ್ತರದಲ್ಲಿ ಬರಬೇಕು ಅನ್ನೋದು ಇದಕ್ಕೇ.

ಈಗ ನಮ್ಮವರು ಶಿಖರಗಳನ್ನ ವಾಪಸ್ ಹಿಡಿದ ಕ್ರಮ ನೋಡಿ. ತೊಲೊಲಿಂಗ್ ಜೂನ್ 13, ಪಾಯಿಂಟ್ 5140 ಜೂನ್ 20, ಟೈಗರ್ ಹಿಲ್ ಜುಲೈ 4. ಟೈಗರ್ ಹಿಲ್ ಎತ್ತರ, ಫೇಮಸ್ಸು, ಆದ್ರೂ ತೊಲೊಲಿಂಗ್ ಯಾಕೆ ಮೊದಲು? ದ್ರಾಸ್ ಮೇಲೆ, ರೋಡಿನ ನೆತ್ತಿ ಮೇಲೆ ಕೂತಿದ್ದ ಕಣ್ಣು ಅದು. ಮೊದಲು ಆ ಕಣ್ಣು ಮುಚ್ಚಿಸಬೇಕು.

ಫಿರಂಗಿ ಬಗ್ಗೆ ಇನ್ನೊಂದು. ಬೆಟ್ಟದ ಅಂಚಿನ ಮೇಲಿರೋ ಬಂಕರ್‌ಗೆ ಕೆಳಗಿಂದ ಶೆಲ್ ಹೊಡೆಯೋದು ಹೆಂಚಿನ ಮನೆಯ ಮಾಡಿನ ತುದಿಗೆ ಕಲ್ಲು ಬೀಸಿದ ಹಾಗೆ, ಒಂಚೂರು ಕಮ್ಮಿ ಆದ್ರೆ ಈ ಕಡೆ ಇಳಿಜಾರು, ಒಂಚೂರು ಜಾಸ್ತಿ ಆದ್ರೆ ಹಿತ್ತಲಲ್ಲಿ. ಬಯಲಲ್ಲಿ ಐವತ್ತು ಮೀಟರ್ ತಪ್ಪಿದ್ರೂ ಚೂರು ಸಿಡಿದು ತಾಗುತ್ತೆ, ಇಲ್ಲಿ ಐವತ್ತು ಮೀಟರ್ ಆಚೆ ಹೋದ್ರೆ ಶೆಲ್ ಕಣಿವೆಯ ತಳದಲ್ಲಿ. ಅದಕ್ಕೇ 155 ಮಿ.ಮೀ. ಬೋಫೋರ್ಸ್‌ಗಳನ್ನ ಬಂಕರ್ ಕಣ್ಣಿಗೆ ಕಾಣೋ ಜಾಗಕ್ಕೇ ತಂದು ನೇರವಾಗಿ ಗುರಿ ಇಟ್ಟು ಹೊಡೆದಿದ್ದು. ಗಾಳಿ ತೆಳು ಇರೋದ್ರಿಂದ ಶೆಲ್ ಮಾಮೂಲಿಗಿಂತ ದೂರ ಹಾರುತ್ತೆ, ಬಯಲಿನ ಲೆಕ್ಕ ಅಲ್ಲಿ ನಡೆಯಲ್ಲ. ವಾಯುಪಡೆಗೂ ಅದೇ ಪಾಡು, ಮೇಲಾಗಿ ಎಲ್‌ಒಸಿ ದಾಟಬಾರದು ಅಂತ ಆರ್ಡರ್. ಮೇ 27ಕ್ಕೆ ಎರಡು ಫೈಟರ್, 28ಕ್ಕೆ ಒಂದು ಎಂಐ-17 ಹೆಲಿಕಾಪ್ಟರ್ ಕಳ್ಕೊಂಡ್ರು, ಆಮೇಲೆ ಹೆಚ್ಚು ಎತ್ತರದಿಂದ ಹೊಡೆಯೋ ದಾರಿ ಹಿಡಿದ್ರು.

ನನ್ನ ಪ್ರಶ್ನೇನ ತಿರುಗಿಸಿಯೂ ಕೇಳ್ಬಹುದು, ಮೇಲೆ ಕೂತೋನಿಗೆ ಊಟ ಎಲ್ಲಿಂದ ಬರುತ್ತೆ? ಜೂನ್ 17ಕ್ಕೆ ಮಿರಾಜ್ 2000 ವಿಮಾನಗಳು ಮುಂಥೊ ಢಾಲೊ ಅನ್ನೋ ಸರಬರಾಜು ಕ್ಯಾಂಪನ್ನ ಹೊಡೆದಿದ್ದು ಈ ಲೆಕ್ಕದಲ್ಲೇ. ಬಂಕರ್ ಮುಟ್ಟದೇ ಬಂಕರ್ ಒಳಗಿನವನ ಹೊಟ್ಟೆಗೆ ಹೊಡೆದ ಹಾಗಾಯ್ತು.

ಸಿಯಾಚಿನ್: ಜಗಳ ಹಿಮನದಿ ಮೇಲಲ್ಲ

ಎಲ್‌ಒಸಿ ಗೆರೆ ಎನ್‌ಜೆ 9842 ಅನ್ನೋ ಬಿಂದುವಿಗೆ ಬಂದು ನಿಂತುಬಿಡುತ್ತೆ. ಅಲ್ಲಿಂದ ಮುಂದಕ್ಕೆ 1949ರ ಒಪ್ಪಂದ ಹೇಳೋದು "ಉತ್ತರಕ್ಕೆ ಹಿಮನದಿಗಳ ಕಡೆಗೆ" ಅಂತ ಅಷ್ಟೇ. ಅಲ್ಲಿ ಯಾರು ಹೋಗಿ ಇರ್ತಾರೆ ಅನ್ನೋ ಧೈರ್ಯ. ಭಾರತ ಉತ್ತರ ಅಂದ್ರೆ ಸಾಲ್ತೊರೊ ಬೆಟ್ಟಸಾಲಿನ ನೆತ್ತಿ ಹಿಡಿದು ಅಂತು, ಪಾಕಿಸ್ತಾನ ಅದೇ ಬಿಂದುವಿನಿಂದ ಈಶಾನ್ಯಕ್ಕೆ ಕಾರಕೋರಂ ಪಾಸ್‌ಗೆ ಗೆರೆ ಎಳೀತು. ಈ ಎರಡು ಗೆರೆ ಮಧ್ಯದ ತ್ರಿಕೋನದಲ್ಲಿ 76 ಕಿ.ಮೀ. ಉದ್ದದ ಸಿಯಾಚಿನ್ ಮಲಗಿದೆ. ಮ್ಯಾಪ್ ಬಿಡಿಸಿ ನೋಡಿ, ಬಾಯಲ್ಲಿ ಹೇಳಿದ್ರೆ ಅರ್ಥ ಆಗೋ ವಿಷಯ ಅಲ್ಲ ಇದು.

ಪಶ್ಚಿಮದಿಂದ ಹಿಮನದಿಗೆ ಇಳೀಬೇಕು ಅಂದ್ರೆ ಸಾಲ್ತೊರೊದ ಪಾಸ್‌ಗಳನ್ನೇ ದಾಟಬೇಕು, ಮುಖ್ಯವಾಗಿ ಬಿಲಾಫಾಂಡ್ ಲಾ, ಸಿಯಾ ಲಾ, ಎರಡೂ ಸುಮಾರು 18,000 ಅಡಿ. ಕರ್ನಲ್ ನರೇಂದ್ರ ಕುಮಾರ್ 1978ರಲ್ಲಿ, 1981ರಲ್ಲಿ ಪರ್ವತಾರೋಹಣದ ಹೆಸರಲ್ಲಿ ಅಲ್ಲೆಲ್ಲಾ ಓಡಾಡಿ ಬಂದಿದ್ರು. 1984 ಏಪ್ರಿಲ್ 13ಕ್ಕೆ ಆಪರೇಷನ್ ಮೇಘದೂತ, ಚೀತಾ ಹೆಲಿಕಾಪ್ಟರಲ್ಲಿ ಸೈನಿಕರನ್ನ ಬಿಲಾಫಾಂಡ್ ಲಾ ಮೇಲೆ ಇಳಿಸಿದ್ರು. ನೆತ್ತಿ ಸಿಕ್ಕ ಮೇಲೆ ಹಿಮನದಿ ತಾನಾಗೇ ಬೆನ್ನ ಹಿಂದೆ ಉಳೀತು. ಪಾಕಿಸ್ತಾನದ ಸೈನಿಕರು ಇರೋದು ಸಾಲ್ತೊರೊದ ಪಶ್ಚಿಮಕ್ಕೆ, ಸಿಯಾಚಿನ್ ಮೇಲೆ ಅಲ್ಲವೇ ಅಲ್ಲ. "ಸಿಯಾಚಿನ್‌ನಲ್ಲಿ ಎರಡೂ ಸೈನ್ಯ ಎದುರುಬದುರು" ಅಂತ ಬರೆದ್ರೆ ಗೊತ್ತಿರೋರು ಅಲ್ಲೇ ಕೆಂಪು ಗೆರೆ ಹಾಕ್ತಾರೆ.

ಆಮೇಲೆ ಪಾಕಿಸ್ತಾನದ ಕೈಲಿದ್ದ ಕ್ವಾಯಿದ್ ಪೋಸ್ಟ್, 21,153 ಅಡಿ. ಅಲ್ಲಿಂದ ಏನು ಕಾಣುತ್ತೆ? ಬಿಲಾಫಾಂಡ್ ಲಾ ಹತ್ರ ಇರೋ ಭಾರತದ ಪೋಸ್ಟ್‌ಗಳು, ಅಲ್ಲಿಗೆ ಸಾಮಾನು ತರೋ ಹೆಲಿಕಾಪ್ಟರ್‌ಗಳು. 1987 ಜೂನ್ 26ಕ್ಕೆ ನಾಯಬ್ ಸುಬೇದಾರ್ ಬಾನಾ ಸಿಂಗ್ ತಂಡ ಅದನ್ನ ಹಿಡೀತು, ಪರಮವೀರ ಚಕ್ರ ಬಂತು, ಪೋಸ್ಟ್‌ಗೆ ಅವರ ಹೆಸರೇ ಆಯ್ತು.

2003 ನವೆಂಬರ್‌ನ ಕದನವಿರಾಮದ ನಂತರ ಅಲ್ಲಿ ಗುಂಡಿನ ಸದ್ದು ನಿಂತಿದೆ, ಸಾವು ನಿಂತಿಲ್ಲ. 2012 ಏಪ್ರಿಲಲ್ಲಿ ಗಯಾರಿಯಲ್ಲಿ ಪಾಕಿಸ್ತಾನದ ಕಡೆ 140 ಜನ ಹಿಮಪಾತದಡಿ ಹೋದ್ರು. 2016 ಫೆಬ್ರವರಿ 3ಕ್ಕೆ ಸೋನಂ ಪೋಸ್ಟಲ್ಲಿ ಹತ್ತು ಜನ ಹೂತುಹೋದ್ರು, ಅವರಲ್ಲಿ ಧಾರವಾಡ ಜಿಲ್ಲೆ ಬೆಟದೂರಿನ ಹನುಮಂತಪ್ಪ ಕೊಪ್ಪದ ಒಬ್ಬರೇ ಆರು ದಿನದ ಮೇಲೆ ಜೀವಂತ ಸಿಕ್ಕಿದ್ದು, 11ನೇ ತಾರೀಕು ದೆಹಲಿಯ ಆಸ್ಪತ್ರೆಯಲ್ಲಿ ತೀರಿಕೊಂಡ್ರು.

ಉಳಿದಿದ್ದು

ಎತ್ತರಕ್ಕೆ ಮೈ ಒಗ್ಗಿಸೋದು: ಭಾರತೀಯ ಸೇನೆಯಲ್ಲಿ ಮೂರು ಹಂತ. 9,000ದಿಂದ 12,000 ಅಡಿಗೆ ಆರು ದಿನ, 15,000ದವರೆಗೆ ನಾಲ್ಕು ದಿನ, ಅದರ ಮೇಲೆ ಇನ್ನೂ ನಾಲ್ಕು ದಿನ. ಇದನ್ನ ಹಾರಿಸಿ ಓಡಿಸಿದ್ರೆ ಶ್ವಾಸಕೋಶದಲ್ಲಿ ನೀರು ತುಂಬ್ಕೊಳುತ್ತೆ, ಗಟ್ಟಿಮುಟ್ಟಾದ ಹುಡುಗ ಒಂದೇ ರಾತ್ರೀಲಿ ಹೋಗ್ಬಿಡ್ಬಹುದು. 1962ರ ಚೀನಾ ಯುದ್ಧದಲ್ಲಿ ಬಯಲಿಂದ ನೇರವಾಗಿ, ತೆಳು ಬಟ್ಟೆಯಲ್ಲೇ ಮೇಲಕ್ಕೆ ಕಳಿಸಿದ್ದರ ಬೆಲೆ ಏನು ಅಂತ ಬರೆಯೋವಾಗ ಈ ಅಂಕಿಗಳನ್ನ ಪಕ್ಕದಲ್ಲಿಡಿ.

ಲಡಾಖಿನ ರೆಜಾಂಗ್ ಲಾ, 1962 ನವೆಂಬರ್ 18, ಮೇಜರ್ ಶೈತಾನ್ ಸಿಂಗ್, 13 ಕುಮಾವ್. ಅಲ್ಲಿ ಕಾಯ್ತಿದ್ದಿದ್ದು ಚುಶೂಲ್ ಮತ್ತು ಅದರ ವಿಮಾನದ ರನ್‌ವೇ. ಇವರ ಬೆಂಬಲಕ್ಕೆ ಹಿಂದಿದ್ದ ಫಿರಂಗಿಗೆ ಮಧ್ಯದ ಬೆಟ್ಟ ಅಡ್ಡ ಬಂದು ಶೆಲ್ ಹಾಕೋಕಾಗ್ಲಿಲ್ಲ. ತೊಲೊಲಿಂಗ್ ಲೆಕ್ಕ ಗೊತ್ತಿದ್ದೋರಿಗೆ ಇದನ್ನ ಬಿಡಿಸಿ ಹೇಳೋದು ಬೇಡ.